ಕರೆಂಟು ಬಂದಾಗಲೆಲ್ಲ ಬೆಳಗಾಯಿತೆಂದು ನಂಬುವ ಪೆಟ್ಟಿಗೆಯವರಿಗೆ

ಸೋಲೂರಿನ ನಮ್ಮ ಮನೆಯ ಹಾಲಿನಲ್ಲಿ, ಐದಡಿ ಉದ್ದದ ಮೀನುತೊಟ್ಟಿಯ ಎಡಗಡೆ ಗೋಡೆಗೆ ಎರಡು ಸ್ಕ್ರೂಗಳ ಆಧಾರದಲ್ಲಿ ವಿರಾಜಮಾನರಾಗಿ, ಹೀಟರ್, ಫಿಲ್ಟರ್, ಗಾಳಿ ಪಂಪು, ದೀಪ ಮತ್ತು ಆಹಾರದ ಡಬ್ಬಿ ಎಂಬ ಐದು ಖಾತೆಗಳನ್ನು ಒಬ್ಬರೇ ನಿಭಾಯಿಸುತ್ತಿರುವ ಸ್ಮಾರ್ಟ್ ಪೆಟ್ಟಿಗೆಯವರ ಸನ್ನಿಧಾನಕ್ಕೆ,

ಮಾನ್ಯರೇ,

ತಾವು ಕ್ಷೇಮವಾಗಿದ್ದೀರೆಂದು ಬಲ್ಲೆ, ಏಕೆಂದರೆ ಆ ಸುದ್ದಿಯನ್ನು ತಾವೇ ದಿನಕ್ಕೆ ಹದಿನಾರು ಸಲ ನನ್ನ ಮೊಬೈಲಿಗೆ ಕಳುಹಿಸುತ್ತೀರಿ. ನನ್ನ ಕ್ಷೇಮವನ್ನು ತಾವು ಒಮ್ಮೆಯೂ ವಿಚಾರಿಸಿಲ್ಲವಾದ್ದರಿಂದ ನಾನೇ ಅರಿಕೆ ಮಾಡಿಕೊಳ್ಳುತ್ತೇನೆ. ನಾನು ಪ್ರತಿಮಾ, ಪ್ರಾಣಿಶಾಸ್ತ್ರದಲ್ಲಿ ಬಿ.ಎಸ್ಸಿ., ಹತ್ತು ತಿಂಗಳ ಸಿಂಧುವಿನ ತಾಯಿ. ನಾನು ಕೊನೆಯದಾಗಿ ಕಣ್ತುಂಬ ನಿದ್ದೆ ಮಾಡಿದ್ದು ಬಸುರಿಯಾಗಿದ್ದ ಏಳನೇ ತಿಂಗಳಲ್ಲಿ, ಚನ್ನಪಟ್ಟಣದ ತವರಿನಲ್ಲಿ, ಒಂದು ಭಾನುವಾರ ಮಧ್ಯಾಹ್ನ. ಈ ದೂರನ್ನು ಬಹಿರಂಗವಾಗಿ ಬರೆಯುತ್ತಿರುವುದಕ್ಕೆ ಕ್ಷಮೆಯಿರಲಿ. ತಮ್ಮ ಗ್ರಾಹಕ ಸೇವೆಯ ನಂಬರಿಗೆ ಫೋನು ಮಾಡಿದರೆ ಮೊದಲು ಒಂದು ಒತ್ತಿ, ಆಮೇಲೆ ನಾಲ್ಕು ಒತ್ತಿ ಎನ್ನುತ್ತಾರೆ, ನಾಲ್ಕು ಒತ್ತುವಷ್ಟರಲ್ಲಿ ಮಗು ಏಳುತ್ತದೆ. ಪತ್ರವಾದರೆ ಮಗು ಮಲಗಿದಾಗ ಎರಡು ಸಾಲು, ಮತ್ತೆ ಮಲಗಿದಾಗ ಎರಡು ಸಾಲು ಎಂದು ನಾಲ್ಕು ದಿನ ಹಿಡಿದಾದರೂ ಬರೆಯಬಹುದು.

ತಾವು ನಮ್ಮ ಮನೆಗೆ ಚಿತ್ತೈಸಿದ್ದು ನನ್ನ ನಿದ್ದೆಗೋಸ್ಕರ ಎಂಬುದನ್ನು ಮೊದಲು ನೆನಪಿಸಬೇಕು. ನನಗೊಂದು ದುರಭ್ಯಾಸವಿದೆ. ಮಲಗಿದ ಮಗು ಉಸಿರಾಡುತ್ತಿದೆಯೇ ಎಂದು ಮೂಗಿನ ಬಳಿ ಬೆರಳಿಟ್ಟು ನೋಡುತ್ತೇನೆ, ನೋಡಿದ್ದಕ್ಕೆ ಮಗು ಎಚ್ಚರಗೊಳ್ಳುತ್ತದೆ, ಎಚ್ಚರಗೊಂಡಿತೆಂದರೆ ಉಸಿರಾಡುತ್ತಿದೆ ಎಂದು ನನಗೆ ಸಮಾಧಾನವಾಗುತ್ತದೆ, ಆ ಸಮಾಧಾನದಲ್ಲಿ ಅದನ್ನು ಮತ್ತೆ ಮಲಗಿಸಲು ಒಂದೂವರೆ ಗಂಟೆ ಹಿಡಿಯುತ್ತದೆ. ಬೇರೆ ಕಾಲದಲ್ಲಾದರೆ ಇಷ್ಟಕ್ಕೇ ನಿಲ್ಲುತ್ತಿದ್ದೆನೇನೋ, ಆದರೆ ಎದ್ದ ಮೇಲೆ ಹೇಗೂ ಎದ್ದೆನಲ್ಲ ಎಂದು ಮೀನುಗಳ ಉಸಿರನ್ನೂ ನೋಡಲು ಶುರುಮಾಡಿದೆ. ನಮ್ಮ ಮನೆಯವರು ಕೆಂಪರಾಜು ಇದನ್ನು ಕಂಡು ಮರುಗಿದರು. ಅವರದು ಹನಿ ನೀರಾವರಿ ಪೈಪು ಮತ್ತು ಆಟೋ ಸ್ಟಾರ್ಟರಿನ ಅಂಗಡಿ. ಕರೆಂಟು ಬಂದ ಕ್ಷಣ ತೋಟದ ಮೋಟಾರು ತಾನೇ ಎದ್ದು ನೀರೆತ್ತುವಂತೆ ಮಾಡಿ ಈ ಹೋಬಳಿಯ ಅರ್ಧ ರೈತರಿಗೆ ನಿದ್ದೆ ಕೊಡಿಸಿದವರು, ಕಟ್ಟಿಕೊಂಡವಳಿಗೆ ಕೊಡಿಸಲಾರೆನೇ ಎಂದುಕೊಂಡು ತಮ್ಮನ್ನು ತರಿಸಿದರು.

ತಮ್ಮ ಪ್ರತಿಷ್ಠಾಪನೆಯನ್ನು ನಾವು ಗೃಹಪ್ರವೇಶಕ್ಕಿಂತ ಹೆಚ್ಚಿನ ಭಕ್ತಿಯಿಂದ ಮಾಡಿದೆವು. ಮಹಡಿಯ ವೈಫೈ ತಮಗೆ ದೂರವಾಯಿತೆಂದಿರಿ, ಕೆಳಗಿಳಿಸಿದೆವು. ಆಮೇಲೆ ಹತ್ತಿರವಾಯಿತೆಂದಿರಿ, ಮೆಟ್ಟಿಲ ಮೇಲೆ ಇಟ್ಟೆವು. ತಮಗೆ ಒಂಬತ್ತು ಭಾಷೆ ಬರುತ್ತದೆಂದು ಡಬ್ಬದ ಮೇಲೆ ಓದಿ ಸಂತೋಷಪಟ್ಟೆವು, ಆ ಒಂಬತ್ತರಲ್ಲಿ ಕನ್ನಡ ಇಲ್ಲದ್ದನ್ನು ಓದಿ ಸುಮ್ಮನಾದೆವು. ಕೊನೆಗೆ ತಾವು ಕೇಳಿದ ನಲವತ್ತು ಪ್ರಶ್ನೆಗಳಿಗೆ ಮನೆಯವರು ನಲವತ್ತು ಸಲ ಹೆಬ್ಬೆರಳಿನಿಂದ ಒತ್ತಿ ಒಪ್ಪಿಗೆ ಕೊಟ್ಟರು. ಓದಿ ನೋಡಿ ಎಂದೆ. ಅನುಭವಸ್ಥರು ಓದುವುದಿಲ್ಲ. ಎಚ್ಚರಿಕೆ ಸಂದೇಶಗಳ ಪುಟವನ್ನು ಮಾತ್ರ ನಾನೇ ಕೈಗೆತ್ತಿಕೊಂಡು, ಇದ್ದ ಮೂವತ್ತೆರಡನ್ನೂ ಬೇಕೆಂದೆ. ಆ ಪಾಪವನ್ನು ಈಗಲೂ ಅನುಭವಿಸುತ್ತಿದ್ದೇನೆ.

ಇನ್ನು ವಿಷಯಕ್ಕೆ ಬರುತ್ತೇನೆ. ತೊಟ್ಟಿಯಲ್ಲಿ ಹದಿನೇಳು ಮೀನುಗಳಿದ್ದರೂ ನನ್ನ ದೂರು ಒಂದೇ ಮೀನಿನ ಪರವಾಗಿ. ಅದು ಏಳು ವರ್ಷದ, ಅಂಗೈಗಿಂತ ದೊಡ್ಡದಾದ ಆಸ್ಕರ್ ಜಾತಿಯ ಮೀನು. ಕೆಳದುಟಿ ಮುಂದೆ ಚಾಚಿಕೊಂಡು, ಯಾರ ಮಾತೂ ಒಪ್ಪದ ಮುಖ. ಮೊದಲ ದಿನ ಅದನ್ನು ಕಂಡ ಅತ್ತೆ ಶಿವಲಿಂಗಮ್ಮನವರು ನ್ಯಾಯ ಹೇಳೋಕೆ ಬಂದ ಪಟೇಲ್ರ ಮೊಕ ಇದ್ದಂಗೈತೆ ಎಂದರು, ಅಂದಿನಿಂದ ಅದು ಪಟೇಲ್ರು. ನಮ್ಮ ಸಿಂಧು ಬಾಯಿ ಬಿಡುವುದು ಪಟೇಲ್ರು ಬಾಯಿ ಬಿಟ್ಟಾಗ ಮಾತ್ರ. ನಾನು ತೊಡೆಯ ಮೇಲೆ ಮಗುವನ್ನು ಕೂರಿಸಿಕೊಂಡು ತೊಟ್ಟಿಗೆ ಒಂದು ಕಾಳು ಹಾಕುತ್ತಿದ್ದೆ, ಪಟೇಲ್ರು ಗಾಜಿನ ಹತ್ತಿರ ಬಂದು ಆ ಎಂದು ಬಾಯಿ ತೆರೆಯುತ್ತಿದ್ದರು, ಅದನ್ನು ನೋಡಿ ಮಗುವೂ ತೆರೆಯುತ್ತಿತ್ತು, ಆ ಸಂದಿಯಲ್ಲಿ ರಾಗಿ ಸರಿಯ ಚಮಚ ಒಳಗೆ ಹೋಗುತ್ತಿತ್ತು. ತೂಕ ಸ್ವಲ್ಪ ಕಡಿಮೆ ಇದೆ, ಗಮನವಿರಲಿ ಎಂದು ಡಾಕ್ಟರು ಹೇಳಿದಂದಿನಿಂದ ನನ್ನ ಪ್ರಾಣವಿದ್ದದ್ದು ಆ ಮೀನಿನ ಬಾಯಲ್ಲಿ.

ತಾವು ಬಂದಿರಿ, ಕಾಳು ಹಾಕುವ ಕೆಲಸವನ್ನು ನನ್ನ ಕೈಯಿಂದ ತೆಗೆದುಕೊಂಡಿರಿ. ತಮ್ಮ ಕರ್ತವ್ಯನಿಷ್ಠೆಯನ್ನು ಎಷ್ಟು ಹೊಗಳಿದರೂ ಸಾಲದು. ನಮ್ಮಲ್ಲಿ ತೆಂಗಿನ ಗರಿ ತಂತಿಗೆ ತಾಗಿದರೂ ಕರೆಂಟು ಹೋಗುತ್ತದೆ, ಗರಿ ತೆಗೆದರೆ ಬರುತ್ತದೆ, ತೆಗೆದವನು ಸರಿಯಾಗಿ ತೆಗೆದಿಲ್ಲವೆಂದು ಮತ್ತೆ ಹೋಗುತ್ತದೆ. ಹಾಗೆ ಬಂದಾಗಲೆಲ್ಲ ತಾವು ಹೊಸ ದಿನವೊಂದು ಹುಟ್ಟಿತೆಂದು ಭಾವಿಸಿ, ತೊಟ್ಟಿಯ ದೀಪವನ್ನು ಕೆಂಪಿನಿಂದ ಹಳದಿಗೆ, ಹಳದಿಯಿಂದ ಬಿಳಿಗೆ ತಂದು ಅರುಣೋದಯ ಮಾಡಿಸಿ, ಮಧುರ ಕಂಠದಲ್ಲಿ ಗುಡ್ ಮಾರ್ನಿಂಗ್ ಎಂದು, ಬೆಳಗಿನ ಉಪಾಹಾರವನ್ನು ಉದುರಿಸುತ್ತೀರಿ. ಕಳೆದ ಸೋಮವಾರ ನಮ್ಮ ಹಾಲಿನಲ್ಲಿ ಹನ್ನೊಂದು ಸೂರ್ಯೋದಯಗಳಾದವು. ಸೂರ್ಯವಂಶದ ರಾಜರಿಗೂ ಈ ಭಾಗ್ಯವಿರಲಿಲ್ಲ. ನನ್ನ ಮಗುವನ್ನು ತೊಟ್ಟಿಲಲ್ಲಿ ಹಾಕಿ ಕೈ ಹಿಂದಕ್ಕೆ ತೆಗೆಯುವ ಘಳಿಗೆಯನ್ನೇ ಹುಡುಕಿ ತಾವು ಶುಭೋದಯ ಕೋರುವ ಆ ಸಮಯಪ್ರಜ್ಞೆ ಯಾವ ಪಂಚಾಂಗದವರಿಗೂ ಇಲ್ಲ.

ಮಂಗಳವಾರದ ಹೊತ್ತಿಗೆ ತೊಟ್ಟಿಯ ನೀರು ಅಕ್ಕಿ ತೊಳೆದ ನೀರಿನಂತಾಗಿ, ಪಟೇಲ್ರು ತಳಕ್ಕಿಳಿದು ನಮಗೆ ಬೆನ್ನು ಹಾಕಿ ಕೂತುಬಿಟ್ಟರು. ಕೈಯಿಂದ ಕಾಳು ಹಾಕಿ ನೋಡಿದೆ, ಕಣ್ಣೆತ್ತಲಿಲ್ಲ. ಮಗು ಒಮ್ಮೆ ಅವರನ್ನು ನೋಡಿತು, ಒಮ್ಮೆ ಚಮಚವನ್ನು ನೋಡಿತು, ಪಟೇಲ್ರೇ ಬಾಯಿ ಬಿಡದ ಮನೆಯಲ್ಲಿ ತಾನು ಬಿಡುವುದು ಮರ್ಯಾದೆಯಲ್ಲ ಎಂದು ತುಟಿ ಬಿಗಿದುಕೊಂಡಿತು. ನಾನು ಗಾಜಿನ ಆಚೆ ನಿಂತು ಬಾಯಿ ತೆರೆದೆ. ಮನೆಯವರು ಅಂಗಡಿಗೆ ಹೊರಟವರು ಹೆಲ್ಮೆಟ್ಟು ತೆಗೆದು ಬಾಯಿ ತೆರೆದರು. ಮಾವ ದಾಸಪ್ಪನವರು ಹಲ್ಲಿನ ಸೆಟ್ಟನ್ನೇ ತೆಗೆದು ತೆರೆದಾಗ ಮಗು ನಕ್ಕಿತು, ಆ ನಗುವಿನಲ್ಲಿ ಒಂದು ಚಮಚ ಹೋಯಿತು, ಎರಡನೇ ಚಮಚಕ್ಕೆ ಆ ಉಪಾಯ ಹಳತಾಗಿತ್ತು. ಅಂದು ಎದೆಹಾಲಿನ ಹೊರತು ಮತ್ತೇನೂ ಒಳಗೆ ಹೋಗಲಿಲ್ಲ.

ಬುಧವಾರ ತಮ್ಮನ್ನು ಕೂರಿಸಿದ್ದ ತೌಹೀದ್ ಅವರು ರಾಮನಗರದಿಂದ ಬಂದರು. ನಮ್ಮ ಹಿತ್ತಿಲ ಶೆಡ್ಡಿನಲ್ಲಿ ಅತ್ತೆ ಸಾಕುವ ರೇಷ್ಮೆಹುಳುಗಳಿವೆ. ಹೊರಗಿನಿಂದ ಬಂದವರು ಕಾಯಿಲೆ ತರುತ್ತಾರೆಂದು ಅತ್ತೆ ಅವರನ್ನು ಬ್ಲೀಚಿಂಗ್ ಪೌಡರಿನ ನೀರಿನಲ್ಲಿ ಕಾಲದ್ದಿಸಿಯೇ ಬಾಗಿಲು ದಾಟಿಸಿದರು. ನಾನು ಹುಳದ ಮನೆಗೆ ಬಂದಿಲ್ಲ, ಮೀನಿನ ತೊಟ್ಟಿಗೆ ಬಂದಿದ್ದು ಎಂದು ಆತ ಹೇಳಿ ನೋಡಿದರು, ಯಾವ ಪ್ರಾಣಿಯಾದರೇನು ಪ್ರಾಣಿಯೇ ಅಲ್ಲವೇ ಎಂದು ಉತ್ತರ ಬಂತು. ಆಮೇಲೆ ತಮ್ಮ ನಾಡಿ ಹಿಡಿದು ಅರ್ಧ ಗಂಟೆ ಪರೀಕ್ಷಿಸಿ ಅವರು ಕೊಟ್ಟ ತೀರ್ಪನ್ನು ಅವರ ಮಾತಿನಲ್ಲೇ ಬರೆಯುತ್ತೇನೆ:

“ಅಕ್ಕ, ಡಬ್ಬಿ ಫಸ್ಟ್ ಕ್ಲಾಸ್ ಐತೆ. ನಿಮ್ ಮೀನೇ ಸಪೋರ್ಟ್ ಮಾಡ್ತಿಲ್ಲ.”

ಆತ ಹೋದ ಮೇಲೆ ಅತ್ತೆ ಹಿಪ್ಪುನೇರಳೆ ಸೊಪ್ಪಿನ ಕೈಯನ್ನು ಸೆರಗಿಗೆ ಒರೆಸಿಕೊಂಡು, ಒಂದು ಎಲೆಅಡಿಕೆ ಜಗಿದು ಮುಗಿಯುವಷ್ಟು ಹೊತ್ತು ತೊಟ್ಟಿಯ ಮುಂದೆ ಕೂತರು. ರೇಷ್ಮೆಹುಳು ತನ್ನ ಜೀವಮಾನದಲ್ಲಿ ನಾಲ್ಕು ಸಲ ಮೇಯುವುದನ್ನು ಬಿಟ್ಟು, ತಲೆ ಎತ್ತಿ, ಅಲುಗಾಡದೆ ಕೂರುತ್ತದೆ, ಹಳೇ ಪೊರೆ ಕಳಚಿದ ಮೇಲೇ ಮತ್ತೆ ಮೇಯುವುದು. ಅದನ್ನು ನಮ್ಮ ಕಡೆ ಜ್ವರಕ್ಕೆ ಕೂರುವುದು ಎನ್ನುತ್ತಾರೆ, ಆಗ ಯಾರೂ ಸೊಪ್ಪು ಹಾಕುವುದಿಲ್ಲ, ಶೆಡ್ಡಿನಲ್ಲಿ ಮಾತೂ ಆಡುವುದಿಲ್ಲ. ಅತ್ತೆ ಎದ್ದು ನಿಂತು, ಇದು ಜ್ವರಕ್ಕೆ ಕೂತಿದೆ, ಕೂತದ್ದಕ್ಕೆ ಆ ಡಬ್ಬಿ ಉಣ್ಣಿಸಿ ಉಣ್ಣಿಸಿ ಸಾಯಿಸುತ್ತಿದೆ ಎಂದರು. ನಾನು ಬಿ.ಎಸ್ಸಿ. ಓದಿದವಳಲ್ಲವೇ, ಅತ್ತೆ, ಮೀನು ಪೊರೆ ಬಿಡುವುದಿಲ್ಲ ಎಂದು ವಿನಯದಿಂದ ತಿಳಿಸಿದೆ.

“ಬುಡದಿದ್ರೆ ಬ್ಯಾಡ ಕಣವ್ವ. ಉಪಾಸ ಇರಕ್ಕೆ ಪೊರೆ ಯಾಕ್ ಬೇಕು?”

ಅತ್ತೆ ತಮ್ಮ ಆಹಾರದ ಡಬ್ಬಿಯನ್ನು ಕಿತ್ತು ನನ್ನ ಕೈಗಿತ್ತರು, ಮಾವನ ಕೈಯಿಂದ ಅರ್ಧ ನೀರು ಬದಲಿ ಮಾಡಿಸಿದರು, ತೊಟ್ಟಿಯ ಮೇಲೆ ಒಂದು ಹಳೇ ಸೀರೆ ಹೊದಿಸಿದರು, ಎರಡು ದಿನ ಯಾರೂ ಅತ್ತ ಸುಳಿಯಬಾರದೆಂದು ಆಜ್ಞೆ ಮಾಡಿದರು. ಅಷ್ಟಕ್ಕೇ ಬಿಡದೆ ನನ್ನ ಇನ್ನೊಂದು ಕೈಯಲ್ಲಿದ್ದ ರಾಗಿ ಸರಿಯ ಬಟ್ಟಲನ್ನೂ ಕಸಿದುಕೊಂಡು, ಇದಕ್ಕೂ ಅಷ್ಟೇ, ಎದೆಹಾಲು ಕೊಡು, ಬಟ್ಟಲು ಒಳಗಿರಲಿ ಎಂದರು. ನಾನು ಅವರ ಬೆನ್ನ ಹಿಂದೆ ಡಾಕ್ಟರಿಗೆ ಫೋನು ಮಾಡಿದೆ. ಹಾಲು ಕುಡಿಯುತ್ತಿದ್ದಾಳೆ, ಉಚ್ಚೆ ಹೊಯ್ಯುತ್ತಿದ್ದಾಳೆ, ಆಡುತ್ತಿದ್ದಾಳೆ ಎಂದರೆ ಒಂದೆರಡು ದಿನ ಬಲವಂತ ಬೇಡ, ಆಮೇಲೆ ಕರೆತನ್ನಿ ಎಂದು ಅವರೂ ಅತ್ತೆಯ ಪಕ್ಷವನ್ನೇ ಸೇರಿದರು. ಇತ್ತ ಡಬ್ಬಿ ಕಾಣೆಯಾಗಿದೆ, ನಿಮ್ಮ ಪ್ರೀತಿಯ ಮೀನು ಹಸಿದಿದೆ ಎಂದು ತಾವು ಅರವತ್ತನಾಲ್ಕು ಸಂದೇಶ ಕಳಿಸಿದಿರಿ.

ಇಲ್ಲಿಗೆ ಮೂರು ದಿನದ ಬರವಣಿಗೆ ಮುಗಿದು, ಇನ್ನು ತಮ್ಮನ್ನು ಗ್ರಾಹಕ ನ್ಯಾಯಾಲಯಕ್ಕೆ ಎಳೆಯುವ ಪ್ಯಾರಾ ಶುರುಮಾಡಬೇಕಿತ್ತು. ಆ ಸಂದೇಶಗಳ ಬಾಯಿ ಮುಚ್ಚಿಸಲೆಂದು ಆ್ಯಪಿನ ಒಳಒಳಗೆ ಹೋದವಳಿಗೆ ನಾನು ಯಾವತ್ತೂ ನೋಡದ ಪುಟವೊಂದು ಸಿಕ್ಕಿತು. ವಿದ್ಯುತ್ ಮರಳಿದ ಕೂಡಲೇ ಕೆಲಸ ಶುರುಮಾಡಬೇಕೇ ಎಂಬ ಪ್ರಶ್ನೆ. ಐದೂ ಖಾತೆಗಳ ಎದುರು ಹೌದು, ಹೌದು, ಹೌದು, ಹೌದು, ಹೌದು. ಸಂಜೆ ಮನೆಯವರನ್ನು ಕೇಳಿದೆ. ಅವರಿಗೆ ನಾಚಿಕೆಯಾಗುವ ಬದಲು ಹೆಮ್ಮೆಯಾಯಿತು.

“ಮತ್ತೆ? ಕರೆಂಟ್ ಬಂದ್ ತಕ್ಷಣ ಎದ್ದು ಕೆಲ್ಸ ಮಾಡ್ದಿದ್ರೆ ಅದೆಂಥಾ ಆಟೋ?”

ಆದ್ದರಿಂದ ಮಾನ್ಯರೇ, ತಾವು ನಿರ್ದೋಷಿಗಳು. ತೋಟದ ಮೋಟಾರಿಗೆ ಹೇಳಿದ್ದನ್ನು ನಮ್ಮವರು ತಮಗೂ ಹೇಳಿದರು, ತಾವು ತಪ್ಪದೆ ಪಾಲಿಸಿದಿರಿ. ಮೇಲಿನ ಬೈಗುಳಗಳನ್ನು ಹೊಡೆದುಹಾಕಬೇಕಿತ್ತು, ಆದರೆ ಮಗುವಿನ ನಿದ್ದೆ ಕಾದು ಕಾದು ಬರೆದ ಸಾಲುಗಳನ್ನು ಕೈಯಾರೆ ಕೊಲ್ಲಲು ಮನಸ್ಸು ಬರಲಿಲ್ಲ. ಇನ್ನೂ ಒಂದು ತಪ್ಪೊಪ್ಪಿಗೆಯಿದೆ. ಕರೆಂಟು ಬಂದೊಡನೆ ಉಣಬಡಿಸುತ್ತೀರೆಂದು ತಮ್ಮನ್ನು ಶಪಿಸುತ್ತಿದ್ದಾಗಲೆಲ್ಲ ನಾನು ಎಲ್ಲಿ ಕೂತಿದ್ದೆನೆಂದರೆ ತೊಟ್ಟಿಲ ಪಕ್ಕದಲ್ಲಿ, ಮಗು ಕಣ್ಣು ಬಿಟ್ಟೊಡನೆ ಬಾಯಿಗಿಡಲು ಬಟ್ಟಲು ಹಿಡಿದು.

ಶುಕ್ರವಾರ ಬೆಳಿಗ್ಗೆ, ಅಂದರೆ ನಿಜವಾದ ಬೆಳಿಗ್ಗೆ, ಅತ್ತೆ ಸೀರೆ ಸರಿಸಿದರು. ನೀರು ತಿಳಿಯಾಗಿತ್ತು. ಪಟೇಲ್ರು ಎರಡು ಸುತ್ತು ಹಾಕಿ, ಗಾಜಿಗೆ ಮುಖ ಹಚ್ಚಿ, ಯಾರ ಮೇಲೋ ದೂರು ಹೇಳುವವರಂತೆ ದೊಡ್ಡದಾಗಿ ಬಾಯಿ ತೆರೆದರು. ತೊಡೆಯ ಮೇಲಿದ್ದ ಸಿಂಧುವೂ ತೆರೆಯಿತು. ನನ್ನ ಕೈಯಲ್ಲಿ ಬಟ್ಟಲಿಲ್ಲ. ಅಡುಗೆಮನೆಗೆ ಓಡಲು ಎದ್ದವಳನ್ನು ಅತ್ತೆ ಭುಜ ಹಿಡಿದು ಕೂರಿಸಿದರು.

“ಓಡ್ಬ್ಯಾಡ. ಒಸಿ ಕಾಯ್ಲಿ. ಕಾಯಕ್ಕೆ ಬಂದ್ರೆ ಹಸಿವು ಬಂತು ಅಂತ.”

ಅವರು ನಿಧಾನವಾಗಿ ನಡೆದು ಹೋಗಿ ಬಟ್ಟಲು ತರುವವರೆಗೆ ಮಗು ಬಾಯಿ ತೆರೆದುಕೊಂಡೇ ಕಾಯಿತು. ಹನ್ನೊಂದು ಚಮಚ ತಿಂದು ಮುಖ ತಿರುಗಿಸಿತು. ಹನ್ನೆರಡನೆಯದನ್ನು ನಾನು ಬಟ್ಟಲಿಗೇ ಮರಳಿಸಿದೆ. ಹತ್ತು ತಿಂಗಳಲ್ಲಿ ಇದೇ ಮೊದಲು.

ಈಗ ಕೆಲವು ಕೋರಿಕೆಗಳು. ನೀರು ಬೆಚ್ಚಗಿಡುವುದು, ಸೋಸುವುದು, ಗಾಳಿ ಊದುವುದು ಈ ಮೂರನ್ನು ತಾವೇ ಮುಂದುವರಿಸಬೇಕು, ಅದರಲ್ಲಿ ತಮ್ಮನ್ನು ಮೀರಿಸಿದವರಿಲ್ಲ. ಸೂರ್ಯೋದಯವನ್ನು ದಿನಕ್ಕೆ ಒಂದಕ್ಕೆ ಸೀಮಿತಗೊಳಿಸಿ, ಸಾಧ್ಯವಾದರೆ ಹೊರಗಿನ ಸೂರ್ಯನೊಡನೆ ಒಮ್ಮೆ ಮಾತಾಡಿಕೊಳ್ಳಬೇಕು. ನೀರಿನ ಬಿಸಿ ಅರ್ಧ ಡಿಗ್ರಿ ಇಳಿದರೆ ನನ್ನನ್ನು ಎಬ್ಬಿಸುವ ಮೊದಲು, ನಾನು ಈಗಷ್ಟೇ ಮಲಗಿದೆನೇ ಎಂದು ಸ್ವತಃ ಬಂದು ಮೂಗಿನ ಬಳಿ ಬೆರಳಿಟ್ಟು ನೋಡಬೇಕು. ಮುಂದಿನ ತಿಂಗಳು ಹುಳುಗಳು ಗೂಡು ಕಟ್ಟುವಾಗ ಒಂದು ದಿನ ರಜೆ ಹಾಕಿ ನಮ್ಮ ಶೆಡ್ಡಿಗೆ ದಯಮಾಡಿಸಬೇಕು. ಇಪ್ಪತ್ತು ಸಾವಿರ ಜೀವಗಳು ವೈಫೈ ಇಲ್ಲದೆ, ಒಂದೂ ಸಂದೇಶ ಕಳಿಸದೆ ಹೇಗೆ ತಮ್ಮ ಪಾಡಿಗೆ ಕೆಲಸ ಮಾಡುತ್ತವೆಂದು ತೋರಿಸುತ್ತೇನೆ. ಕಾಲಿಲ್ಲದವರೆಂಬ ಕಾರಣಕ್ಕೆ ಬ್ಲೀಚಿಂಗ್ ನೀರಿನಿಂದ ತಮಗೆ ವಿನಾಯಿತಿ ಕೊಡಿಸುವ ಜವಾಬ್ದಾರಿ ನನ್ನದು.

ಹೆಚ್ಚಿಗೆ ಬರೆಯಲು ಕಣ್ಣು ಬಿಡುತ್ತಿಲ್ಲ,

ತಮ್ಮ ವಿಶ್ವಾಸಿ, ಹಾಗೂ ತಮ್ಮ ಮೂವತ್ತೆರಡು ಎಚ್ಚರಿಕೆಗಳಲ್ಲಿ ಮೂವತ್ತೊಂದನ್ನು ಈಗಷ್ಟೇ ಬೇಡವೆಂದವಳು,
ಪ್ರತಿಮಾ ಕೆಂಪರಾಜು

ತಾ.ಕ.: ಡಬ್ಬಿ ಕಾಣೆಯಾಗಿದೆ ಎಂಬ, ಬೇಡವೆಂದರೂ ಬಿಡದ ತಮ್ಮ ಗೋಳು ನಿಲ್ಲಲೆಂದು ಅದನ್ನು ಮತ್ತೆ ಜೋಡಿಸಿದ್ದೇವೆ, ತೊಟ್ಟಿಗಲ್ಲ, ಅತ್ತೆ ಕೂರುವ ಕುರ್ಚಿಯ ಪಕ್ಕದ ಕಿಟಕಿಗೆ. ಒಳಗೆ ಅಡಿಕೆ ಚೂರು ತುಂಬಿದೆ. ಮನೆಯವರು ಕೊಟ್ಟ ಹೌದು ಹಾಗೆಯೇ ಇರುವುದರಿಂದ ಕರೆಂಟು ಬಂದಾಗಲೆಲ್ಲ ಒಂದು ಚಿಟಿಕೆ ಅವರ ಅಂಗೈಗೆ ಉದುರುತ್ತದೆ. ಈ ಹೋಬಳಿಯಲ್ಲಿ ಕರೆಂಟು ಹೋಗಲಿ ಎಂದು ಕಾಯುವ ಏಕೈಕ ಗ್ರಾಹಕಿ ಈಗ ಅವರೇ. ಪಟೇಲ್ರ ಹೆಸರಿನಲ್ಲಿರುವ ಮೀನು ಇಂದು ಒಂಬತ್ತು ಸಲ ಆಹಾರ ಸ್ವೀಕರಿಸಿದ್ದು, ಅದರ ಆರೋಗ್ಯ ಅತ್ಯುತ್ತಮವಾಗಿದೆಯೆಂದು ತಾವು ಈಗ ತಾನೇ ಕಳಿಸಿದ ಪ್ರಮಾಣಪತ್ರವನ್ನು ಅತ್ತೆಗೆ ಓದಿ ಹೇಳಿದೆ. ಬಾಯಲ್ಲಿ ಅಡಿಕೆಯಿದ್ದುದರಿಂದ ಅವರು ತಲೆಯಾಡಿಸಿಯೇ ಒಪ್ಪಿಕೊಂಡರು.