ಗೆದ್ದವನಿಗೆ ಕೆಳಮನೆ

ಬಾಡಿಗೆ ನಿಯಂತ್ರಣ ಕಾಯಿದೆ ಬರೆದ ಪುಣ್ಯಾತ್ಮನಿಗೆ ಸ್ವಂತ ಮನೆ ಇದ್ದಿರಲಾರದು. ಹೆಂಡತಿಯಂತೂ ಇರಲೇ ಇಲ್ಲ. ಎರಡರಲ್ಲಿ ಒಂದಿದ್ದಿದ್ದರೂ ಅಂಥದ್ದನ್ನು ಬರೆಯಲು ಅವನಿಗೆ ಕೈ ಬರುತ್ತಿರಲಿಲ್ಲ.

ನಮ್ಮ ಕೆಳಮನೆಯಲ್ಲಿ ಗಡಿಯಾರ ರಿಪೇರಿಯವರೊಬ್ಬರು ಇಪ್ಪತ್ತೆರಡು ವರ್ಷದಿಂದ ಬಾಡಿಗೆಗಿದ್ದರು. ನಮ್ಮಪ್ಪ ಕೂರಿಸಿ ಹೋದವರು. (ಅಪ್ಪ ಹೋದರು, ಇವರು ಹೋಗಲಿಲ್ಲ.) ಒಂಟಿ ಜೀವ, ಸದ್ದಿಲ್ಲ, ಗದ್ದಲವಿಲ್ಲ. ಜಗಳಕ್ಕೆ ಒಂದು ಎಳೆಯನ್ನೂ ಕೊಡದ ಮನುಷ್ಯನನ್ನು ಹೊರಹಾಕುವ ಕಷ್ಟ ನನ್ನ ಶತ್ರುವಿಗೂ ಬೇಡ. ಆದರೆ ಕೆಳಮನೆಯ ಗೋಡೆ ಒಡೆದು ನಾಲ್ಕು ಅಂಗಡಿ ಮಾಡುವ ಮಹಾಯೋಜನೆಯೊಂದು ನನ್ನ ತಲೆಯಲ್ಲಿ ಮೊಟ್ಟೆಯಿಟ್ಟು ಕಾವಿಗೆ ಕೂತುಬಿಟ್ಟಿತ್ತು.

ವಕೀಲರು ನಕ್ಕರು. "ಅಂಗಡಿ ಅಂದ್ರೆ ಕೋರ್ಟು ಕೇಳಲ್ಲ. ನಿಮ್ಮ ವಾಸಕ್ಕೇ ಬೇಕು ಅಂತ ತೋರಿಸ್ಬೇಕು. ಮೇಲೆ ಮೂರು ರೂಮಿದೆ, ಇರೋರು ಇಬ್ಬರು. ಏನಂತ ತೋರಿಸ್ತೀರಿ?"

ಆಗಲೇ ನನಗೆ ಜ್ಞಾನೋದಯವಾದದ್ದು. "ಗಂಡ ಹೆಂಡತಿಗೆ ಒಟ್ಟಿಗೆ ಆಗಿಬರಲ್ಲ, ಗಂಡ ಕೆಳಗೆ ಬೇರೆ ಇರ್ಬೇಕು ಅಂತ ಬರೀರಿ."

"ನಿಮ್ಮ ಮನೆಯವರು ಸಾಕ್ಷಿ ಹೇಳ್ತಾರಾ?"

ಮನೆಗೆ ಬಂದು ಕೇಳಿದೆ. ಅವಳು ಬಟ್ಟೆ ಮಡಚುತ್ತಿದ್ದಳು.

"ನಾನೇನು ಹೇಳ್ಬೇಕು?"

"ಇವರ ಜೊತೆ ಬಾಳೋಕೆ ಆಗಲ್ಲ ಅಂತ."

"ಅಷ್ಟೇನಾ? ಸುಳ್ಳು ಹೇಳ್ಬೇಕೇನೋ ಅಂತ ಹೆದರಿದ್ದೆ."

ತಮಾಷೆ ಎಂದುಕೊಂಡು ನಕ್ಕೆ.

ವಕೀಲರು ಅವಳಿಗೆ ಕಲಿಸಿದ್ದು ಮೂರು ವಾಕ್ಯ. ಸಾಕ್ಷಿಕಟ್ಟೆಯಲ್ಲಿ ಅವಳು ಆಡಿದ್ದು ನಲವತ್ತು ನಿಮಿಷ. ಅವಳು ಯಾರಿಗಾದರೂ ಏನಾದರೂ ಹೇಳಹೊರಟರೆ ನಾನು ನಡುವೆ ಬಾಯಿ ಹಾಕಿ ಕೊನೆಯನ್ನು ಮೊದಲೇ ಹೇಳಿಬಿಡುತ್ತೇನಂತೆ. ನಾನು ಕೋಣೆಯಿಂದ ಎದ್ದರೆ ಫ್ಯಾನ್ ಆರಿಸುತ್ತೇನಂತೆ, ಅವಳು ಒಳಗೇ ಕೂತಿದ್ದರೂ. ಒಮ್ಮೆ ಅವಳು ಮೂರು ದಿನ ಜ್ವರದಲ್ಲಿ ಮಲಗಿದ್ದಾಗ ನಾನು ಕೇಳಿದ್ದು ಒಂದೇ ಪ್ರಶ್ನೆಯಂತೆ: ಟೀಪುಡಿ ಡಬ್ಬ ಎಲ್ಲಿ? ನ್ಯಾಯಾಧೀಶರು ಪೆನ್ನು ಕೆಳಗಿಟ್ಟರು. ಎದುರು ವಕೀಲರು ಎದ್ದು, ಪಾಟೀಸವಾಲು ಇಲ್ಲ ಎಂದು ಕೂತರು. ಗಡಿಯಾರದವರು, ಮನೆ ಕಳೆದುಕೊಳ್ಳಲಿದ್ದ ಆಸಾಮಿ, ಅವಳನ್ನು ಕನಿಕರದಿಂದ ನೋಡಿದರು. ಆಮೇಲೆ ನನ್ನನ್ನು ನೋಡಿದರು, ತುಕ್ಕು ಹಿಡಿದ ಸ್ಪ್ರಿಂಗನ್ನು ನೋಡುವಂತೆ.

ಹೊರಗೆ ಬಂದ ಮೇಲೆ, "ಏನು ನಟನೆ ಕಣೇ!" ಎಂದೆ.

"ಬೇಗ ಬನ್ನಿ, ಬಸ್ಸು ಹೋಗುತ್ತೆ," ಎಂದಳು.

ಗೆದ್ದೆ. ಆದರೆ ತೀರ್ಪಿಗೊಂದು ಬಾಲವಿತ್ತು. ಎರಡು ತಿಂಗಳೊಳಗೆ ನಾನು ಖುದ್ದು ಕೆಳಗೆ ವಾಸಕ್ಕೆ ಹೋಗಬೇಕು, ಮೂರು ವರ್ಷ ಅಲ್ಲೇ ಇರಬೇಕು. ತಪ್ಪಿದರೆ ಗಡಿಯಾರದವರು ಅರ್ಜಿ ಹಾಕಿ ವಾಪಸು ಬರಬಹುದು. ಹೆಸರಿಗೊಂದು ಮಂಚ ಹಾಕಿ ಮೇಲೇ ಇದ್ದುಬಿಡೋಣ ಎಂದುಕೊಂಡಿದ್ದೆ. ಆ ಮಹಾನುಭಾವರು ಎದುರು ಮನೆಯಲ್ಲೇ ರೂಮು ಹಿಡಿದು, ಬಾಗಿಲಲ್ಲಿ ಕುರ್ಚಿ ಹಾಕಿ, ಒಂದು ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಕೂತರು. ಇನ್ನೊಂದು ಕಣ್ಣು ನನ್ನ ಮೇಲೆ.

ನನ್ನ ಬಟ್ಟೆಗಳು ಇಸ್ತ್ರಿಯಾಗಿ ಮೆಟ್ಟಿಲ ಮೇಲೆ ಬಂದು ಕೂತವು. ಹಿಂದೆಯೇ ಒಂದು ಸ್ಟೌವು, ಒಂದು ಬಕೆಟ್ಟು, ಟೀಪುಡಿ ಡಬ್ಬ. ಮೇಲೆ ಚಿಲಕ ಬಿತ್ತು.

"ಊಟಕ್ಕಾದ್ರೂ ಬರ್ತೀನಿ ಕಣೇ."

"ಬೇಡ ರೀ. ಅವರು ನೋಡ್ತಿದ್ದಾರೆ. ಕಷ್ಟಪಟ್ಟು ಗೆದ್ದ ಮನೆ, ಕಳ್ಕೊಂಡ್ರೆ?"

ಒಂದೂವರೆ ವರ್ಷ ಬೆಂದೂ ಬೇಯದ ಅನ್ನ ತಿಂದೆ. ಮೇಲೆ ಅವಳ ಅಕ್ಕತಂಗಿಯರು ಬಂದು ಹೋಗುತ್ತಿದ್ದರು. ಅವಳು ಏನೋ ಕಥೆ ಹೇಳುವುದು, ಎಲ್ಲರೂ ನಗುವುದು ಕೇಳುತ್ತಿತ್ತು. ಇಪ್ಪತ್ತಾರು ವರ್ಷದ ಸಂಸಾರದಲ್ಲಿ ಅವಳ ಯಾವ ಕಥೆಗೂ ಯಾರೂ ಹಾಗೆ ನಕ್ಕದ್ದನ್ನು ನಾನು ಕೇಳಿರಲಿಲ್ಲ. (ಕೊನೆಯನ್ನು ನಾನೇ ಹೇಳಿಬಿಡುತ್ತಿದ್ದೆನಲ್ಲ.)

ಒಂದು ಬೆಳಿಗ್ಗೆ ಅಂಗಡಿಗಳ ಆಸೆಯನ್ನು ಕೈಬಿಟ್ಟು ರಸ್ತೆ ದಾಟಿದೆ.

"ಸೋತೆ ಸ್ವಾಮಿ. ಕೆಳಮನೆಗೆ ವಾಪಸು ಬನ್ನಿ, ಬರ್ಕೊಡ್ತೀನಿ. ನಾನು ಮೇಲೆ ಹೋಗ್ತೀನಿ."

"ನನಗೆ ಬೇಡ ಸ್ವಾಮಿ. ಇಲ್ಲಿ ಬೆಳಕು ಚೆನ್ನಾಗಿದೆ. ಆ ಮನೆ ಬೇಡ ಅಂತ ಹೋದ ವರ್ಷವೇ ಬರೆದು ಸಹಿ ಹಾಕಿ ಕೊಟ್ಟಿದ್ದೀನಲ್ಲ."

"ಯಾರಿಗೆ?"

"ನಿಮ್ಮ ಮನೆಯವರಿಗೆ."

"ಮತ್ತೆ ದಿನಾ ಇಲ್ಲಿ ಯಾಕ್ರೀ ಕೂತಿರ್ತೀರಿ?"

ಅವರು ಭೂತಗನ್ನಡಿ ತೆಗೆದು ಅಂಗಿಯ ಚುಂಗಿನಲ್ಲಿ ಒರೆಸಿದರು. ಪಾಪ, ಸುಳ್ಳು ಬಾರದ ಮನುಷ್ಯ.

"ಅಮ್ಮಾವ್ರು ಕೇಳ್ಕೊಂಡ್ರು. 'ಅಣ್ಣಾ, ದಯವಿಟ್ಟು ಕೂತೇ ಇರಿ. ನೀವು ಎದ್ರೆ ಇವರು ಮೇಲೆ ಬಂದ್ಬಿಡ್ತಾರೆ' ಅಂದ್ರು."

ತಲೆಯೆತ್ತಿ ನೋಡಿದೆ. ಅವಳು ಬಾಲ್ಕನಿಯಲ್ಲಿ ಕೂದಲು ಒಣಗಿಸುತ್ತ ನಿಂತಿದ್ದಳು. ಮುಗುಳ್ನಕ್ಕು ಕೈಯೆತ್ತಿದಳು. ನಾನೂ ಕೈಯೆತ್ತಿದೆ. ಅವಳು ಕೈಯೆತ್ತಿದ್ದು ಗಡಿಯಾರದವರಿಗೆ ಎಂದು ಗೊತ್ತಾಗುವಷ್ಟರಲ್ಲಿ ಅವಳು ಒಳಗೆ ಹೋಗಿದ್ದಳು.

ರಸ್ತೆ ದಾಟಿ, ನ್ಯಾಯಾಲಯದಲ್ಲಿ ಹೋರಾಡಿ ಗೆದ್ದ ನನ್ನ ಮನೆಗೆ ಬಂದು ಅಕ್ಕಿ ತೊಳೆಯಲು ಕೂತೆ.