ಬೀದರಿನಲ್ಲಿ ಅರವತ್ತು ಪೆಟ್ಟಿಗೆ ವೈನ್

ವೈನ್ ಮಾರುವ ಅಂಗಡಿಯಲ್ಲಿ ನಗುವಂಥ ಪ್ರಸಂಗಗಳಿಗೆ ಬರವಿಲ್ಲ, ಗಿರಾಕಿಗಳಿಗೆ ಮಾತ್ರ ಬರ. ಎರಡೂ ಒಟ್ಟಿಗೆ ಬಂದಿದ್ದರೆ ನಾನೂ ಎಲ್ಲರ ಜೊತೆ ಕೂತು ನಗುತ್ತಿದ್ದೆ.

ನನ್ನ ಅಂಗಡಿ ಇರುವುದು ಬೀದರಿನಲ್ಲಿ. ಅಲ್ಲಿ ವಿಸ್ಕಿ ಇಲ್ಲ, ಬ್ರಾಂದಿ ಇಲ್ಲ, ಬಿಯರು ಇಲ್ಲ. ನಮ್ಮ ದೇಶದ ದ್ರಾಕ್ಷಿಯಿಂದ ನಮ್ಮ ದೇಶದಲ್ಲೇ ಮಾಡಿದ ವೈನ್ ಮಾತ್ರ. ಲೈಸೆನ್ಸೂ ಅಷ್ಟಕ್ಕೇ. ನಾನು ಖಟಕ ಚಿಂಚೋಳಿಯಲ್ಲಿ ನಾಲ್ಕನೇ ಇಯತ್ತೆಗೆ ಸಾಲಿ ಬಿಟ್ಟವಳು. ದ್ರಾಕ್ಷಿ ಕೀಳುವ ಕೂಲಿಗೆಂದು ಮಹಾರಾಷ್ಟ್ರಕ್ಕೆ ಹೋದೆ. ಅಲ್ಲೇ ಒಂದು ವೈನ್ ಕಾರ್ಖಾನೆಯಲ್ಲಿ ಬಾಟಲಿ ತೊಳೆಯಲು ಸೇರಿ, ಹದಿನಾಲ್ಕು ವರ್ಷದ ಮೇಲೆ ಬಾಟಲಿ ತುಂಬುವ ವಿಭಾಗಕ್ಕೇ ಮೇಲಿನವಳಾಗಿ ಹೊರಬಂದೆ. ಇಂಗ್ಲಿಷ್ ಅಕ್ಷರ ಕಲಿತದ್ದು ಲೇಬಲ್ಲಿನಿಂದ, ಮರಾಠಿ ಕಲಿತದ್ದು ಪೇಪರಿನಿಂದ. ಮರೆತುಹೋದ ಕನ್ನಡವನ್ನು ಸಿಕ್ಕ ಪುಸ್ತಕಗಳಿಂದ ಮತ್ತೆ ಹಿಡಿದು ತಂದೆ. ದೇಶದಲ್ಲಿ ವೈನ್ ಕುಡಿಯುವವರು ಹೆಚ್ಚುತ್ತಿದ್ದಾರೆ, ಮಧ್ಯಮ ವರ್ಗದವರು, ಹೆಣ್ಣುಮಕ್ಕಳು, ಆರೋಗ್ಯದ ಕಾಳಜಿ ಇರುವವರು ಎಲ್ಲರೂ ಇತ್ತ ತಿರುಗುತ್ತಿದ್ದಾರೆ ಎಂದು ಪೇಪರಿನಲ್ಲಿ ಓದಿದೆ. ಕೂಡಿಟ್ಟದ್ದನ್ನೆಲ್ಲ ಹಾಕಿ ಅಂಗಡಿ ತೆಗೆದೆ. ಎಲ್ಲಿ ಹೆಚ್ಚುತ್ತಿದ್ದಾರೆ ಎಂದು ಪೇಪರಿನವರು ಬರೆದಿರಲಿಲ್ಲ, ನಾನೂ ಕೇಳಲಿಲ್ಲ.

ಬೀದರಿನ ತನಕ ಮಾಲು ಕಳಿಸಲು ಒಪ್ಪಿದ್ದು ಒಂದೇ ಕಂಪನಿ. ಅವರದೊಂದು ಕರಾರಿತ್ತು. ಮಾರ್ಚ್ ಮುಗಿಯುವುದರೊಳಗೆ ಅರವತ್ತು ಪೆಟ್ಟಿಗೆ ಹೋಗಬೇಕು. ಹೋಗದಿದ್ದರೆ ಮಾಲು ಬಂದ್, ಅವರು ಕೊಟ್ಟ ಗಾಜಿನ ಫ್ರಿಜ್ಜೂ ವಾಪಸು. ಮಾಲು ಬಂದ್ ಅಂದರೆ ಅಂಗಡಿ ಬಂದ್. ನಮ್ಮಣ್ಣ ಮೊದಲ ದಿನವೇ ಹೇಳಿದ್ದ.

"ತಂಗಿ, ಬಾಜೂ ವಿಸ್ಕಿ ದುಕಾನದ ಮುಂದ ನೋಡು, ರೇಷನ್ ಅಂಗಡಿಗೆ ನಿಂತಂಗ ನಿಂತಾರ ಮಂದಿ. ನೀನೂ ಅದೇ ಲೈಸೆನ್ಸ್ ತಗೋ."

"ನಾ ಕಲಿತದ್ದು ಇದು. ಇದನ್ನೇ ಮಾರ್ತೇನಿ."

"ಮಾರು. ನಾ ಏನ್ ಬ್ಯಾಡ ಅಂದೆ? ತಗೊಳೋರು ಬ್ಯಾಡ ಅಂತಾರ."

೧. ಗಣಿತದ ಮಾಸ್ತರರು

ಅಂಗಡಿ ತೆರೆದು ನಾಲ್ಕನೇ ದಿನ ಒಬ್ಬ ರಿಟೈರ್ಡ್ ಗಣಿತದ ಮಾಸ್ತರರು ಒಳಗೆ ಬಂದರು. ಬಿಳಿ ಅಂಗಿ, ಜೇಬಿನಲ್ಲಿ ಎರಡು ಪೆನ್ನು. ಇಂಥವರೇ ನನ್ನ ಗಿರಾಕಿ ಎಂದು ನಾನು ಎದ್ದು ನಿಂತೆ.

"ಇದರಾಗ ನಶಾ ಎಷ್ಟದರಿ ಅಕ್ಕಾರ?"

ಲೇಬಲ್ ತೋರಿಸಿದೆ. ಬೆಲೆ ಕೇಳಿದರು, ಅದನ್ನೂ ಹೇಳಿದೆ. ನನ್ನ ಪ್ರಚಾರದ ಚೀಟಿಯನ್ನೇ ತಿರುವಿ ಹಾಕಿ ಬರೆಯತೊಡಗಿದರು. ಶಿಂದಿ, ಬಿಯರು, ರಮ್ಮು, ವಿಸ್ಕಿ ಎಲ್ಲದರ ಬೆಲೆ ಅವರಿಗೆ ಬಾಯಿಪಾಠವಿತ್ತು. ಒಂದು ರೂಪಾಯಿ ಕೊಟ್ಟರೆ ಯಾವುದರಲ್ಲಿ ಎಷ್ಟು ನಶೆ ಬರುತ್ತದೆ ಎಂದು ಪಟ್ಟಿ ಮಾಡಿ ಕೆಳಗೆ ಗೆರೆ ಎಳೆದರು. ನನ್ನ ವೈನ್ ಗೆರೆಗೆ ಅಂಟಿಕೊಂಡು ಕಟ್ಟಕಡೆಗೆ ನಿಂತಿತ್ತು.

"ಬರೇ ನಶಾಕ್ಕ ಕುಡಿಯೋದಲ್ರಿ ಇದು. ರುಚಿ ಅದ, ವಾಸನಿ ಅದ," ಅಂದೆ.

"ಅದಕ್ಕ ಮಾರ್ಕ್ಸ್ ಇಲ್ರಿ."

ಚೀಟಿಯನ್ನು ಕೌಂಟರಿನ ಮೇಲೆ ಇಟ್ಟು ಹೊರಟರು. ನಾನು ಬಿಡಲಿಲ್ಲ, ಕೂತು ಮತ್ತೆ ಲೆಕ್ಕ ಹಾಕಿದೆ. ಎಲ್ಲಾದರೂ ಒಂದು ಸೊನ್ನೆ ತಪ್ಪಿರಲಿ ಎಂದು ದೇವರನ್ನು ಬೇಡಿಕೊಂಡೆ. ಲೆಕ್ಕ ಬರೋಬರ್ ಇತ್ತು. ಬಾಗಿಲ ತನಕ ಹೋದ ಮಾಸ್ತರರು ನನ್ನ ಮುಖ ನೋಡಿ ಒಂದು ಹೆಜ್ಜೆ ಹಿಂದೆ ಬಂದು ಸಮಾಧಾನ ಹೇಳಿದರು.

"ಬೇಜಾರ್ ಮಾಡ್ಕೋಬ್ಯಾಡ್ರಿ. ಇದರಾಗ ನಿಮ್ಮ ತಪ್ಪೇನಿಲ್ಲ. ಇದು ಭಾಗಾಕಾರ."

೨. ದಿನಕ್ಕೆ ಹತ್ತು ಹನಿ

ಒಂದು ಒಳ್ಳೆಯ ಮನೆತನದ ಬಾಯಿಯವರು ಸೆರಗು ತಲೆಯ ಮೇಲೆ ಎಳೆದುಕೊಂಡು ಬಂದು, ಸುತ್ತ ನೋಡಿ, ಮೆಲ್ಲಗೆ ಕೇಳಿದರು. "ಎದಿಗಿ ಛಲೋ ಅಂತಾರಲ್ರಿ, ಕೆಂಪಂದು, ಅದು ಅದ ಏನ್ರಿ?"

ನಾನು ಔಷಧ ಮಾರುವವಳಲ್ಲ, ಡಾಕ್ಟರನ್ನು ಕೇಳಿ ಎಂದು ಹೇಳಿದೆ. ಅವರು ಆಗಲೇ ಪಕ್ಕದ ಮನೆಯವರನ್ನು ಕೇಳಿ ಬಂದಿದ್ದರಂತೆ. ಒಂದು ಬಾಟಲಿ ತೆಗೆದುಕೊಂಡು ಹೋದರು. ವಾರದಲ್ಲಿ ಅವರದೇ ಗಲ್ಲಿಯ ಇನ್ನೂ ಐದು ಹೆಂಗಸರು ಒಬ್ಬೊಬ್ಬರಾಗಿ ಬಂದರು. ಬೆಲೆ ಕೇಳಿದರು, ಬಣ್ಣ ನೋಡಿದರು, ಬರ್ತೇವ್ರಿ ಅಂದು ಹೋದರು. ಒಂದು ಗಲ್ಲಿಯಲ್ಲಿ ಆರು ಮನೆ, ಮನೆಗೆ ತಿಂಗಳಿಗೆ ಎರಡು ಬಾಟಲಿ ಎಂದು ಹಿಡಿದು, ಬೀದರಿನ ಗಲ್ಲಿಗಳನ್ನೆಲ್ಲ ಎಣಿಸುತ್ತ ನಾನು ಆ ವಾರ ಭಾಳ ಸುಖವಾಗಿ ನಿದ್ದೆ ಮಾಡಿದೆ.

ನಾಲ್ಕು ತಿಂಗಳು ಯಾರೂ ಬರಲಿಲ್ಲ. ಒಂದು ದಿನ ಸಂತೆಯಲ್ಲಿ ಅದೇ ಬಾಯಿಯವರು ಸಿಕ್ಕರು.

"ಭಾಳ ಛಲೋ ಮಾಲ್ರಿ ನಿಮ್ಮದು. ನಮ್ಮನಿಯವ್ರಿಗಿ ದಿನಾ ಊಟ ಆದಮ್ಯಾಲ ಹತ್ತು ಹನಿ ಕೊಡ್ತೇನಿ. ಬರಬರ್ತಾ ಹುಳಿ ಕಡಕ್ ಆಗ್ಲತ್ತದ. ಔಷಧ ಹಳೀದು ಆದಷ್ಟು ಛಲೋ ಅಲ್ಲೇನ್ರಿ?"

ತೆರೆದ ವೈನ್ ನಾಲ್ಕು ತಿಂಗಳಿಗೆ ಹುಳಿತು ಶಿರ್ಕಾ ಆಗುತ್ತದೆ, ಇನ್ನು ಅದನ್ನು ಉಪ್ಪಿನಕಾಯಿಗೆ ಹಾಕಬಹುದು ಅಷ್ಟೇ, ಹೊಸದು ಒಯ್ಯಿರಿ ಅಂದೆ.

"ಇನ್ನೂ ಅರ್ಧ ಉಳದದಲ್ರಿ."

"ನಾಲ್ಕು ತಿಂಗಳಿಗೆ ಅರ್ಧನಾ?"

"ಅದೂ ಗಲ್ಲಿಯಾಗ ಆರೂ ಮನಿಯವ್ರು ಹಂಚ್ಕೊಂಡೇವಂತ ಇಷ್ಟು ಲಗೂ ಆಯ್ತ್ ನೋಡ್ರಿ."

೩. ಬಾಟಲಿಗೆ ಬೇಡಿಕೆ

ಮಾಲು ಯಾಕೆ ಹೋಗುತ್ತಿಲ್ಲ ಎಂದು ನೋಡಲು ಕಂಪನಿಯಿಂದ ಒಬ್ಬ ಮೇಡಂ ಬಂದರು. ಬೀದರಿನ ಪಕ್ಕದ ಕೊಳಾರದಲ್ಲಿ ಮಾಲು ಇಡುವ ಗೋದಾಮಿಗೆ ಹೋಗಿ ಧೂಳು ಹಿಡಿದ ಪೆಟ್ಟಿಗೆ ನೋಡಿ, ಅಲ್ಲಿಂದ ನೇರ ನನ್ನ ಅಂಗಡಿಗೆ ಬಂದು, ಕೈಯಲ್ಲಿ ಫಾರ್ಮು ಹಿಡಿದು ಬೆಳಿಗ್ಗೆಯಿಂದ ಸಂಜೆಯ ತನಕ ಕೂತರು. ಗಿರಾಕಿಯ ವಯಸ್ಸು ಎಷ್ಟು, ಯಾವ ಸಂದರ್ಭಕ್ಕೆ ಒಯ್ಯುತ್ತಾರೆ, ಯಾವ ಊಟದ ಜೊತೆ ಕುಡಿಯುತ್ತಾರೆ, ಹೀಗೆ ಎರಡು ಪುಟ ಪ್ರಶ್ನೆಗಳು.

ಮಧ್ಯಾಹ್ನದ ತನಕ ಬಂದದ್ದು ಒಬ್ಬ. ಐನೂರಕ್ಕೆ ಚಿಲ್ಲರೆ ಕೇಳಿದ. ಆಮೇಲೆ ಬಂದವರು ಇಬ್ಬರು ಹೆಂಗಸರು.

"ಅಕ್ಕಾರ, ಖಾಲಿ ಬಾಟ್ಲಿ ಅದಾವೇನ್ರಿ? ಮನಿ ಪ್ಲಾಂಟ್ ಹಚ್ಚಲಿಕ್ಕ ಭಾಳ ಚಂದ ಕಾಣ್ತಾವ."

"ತುಂಬಿದ್ದು ತಗೊಂಡ್ರ ಖಾಲಿ ಪುಕ್ಕಟ ಬರ್ತದ," ಅಂದೆ ನಾನು.

"ತುಂಬಿದ್ದು ತಗೊಂಡು ಒಳಗಿಂದು ಏನ್ ಮಾಡೋಣ್ರಿ?"

ಮೇಡಂ ಅದನ್ನು ಬರೆದುಕೊಂಡರು. ಸಂಜೆ ಹೊರಡುವಾಗ ನನ್ನ ಕೈ ಹಿಡಿದು, ನಿರಾಸೆ ಆಗಬೇಡಿ, ನಿಮ್ಮ ಊರಿನ ರುಚಿ ನನಗೆ ತಿಳಿಯಿತು ಎಂದು ಮರಾಠಿಯಲ್ಲಿ ಹೇಳಿದರು. ಇಷ್ಟು ದಿನಕ್ಕೆ ಒಬ್ಬರಿಗಾದರೂ ತಿಳಿಯಿತಲ್ಲ ಎಂದು ನನ್ನ ಕಣ್ಣು ತುಂಬಿತು.

ಎರಡು ತಿಂಗಳಿಗೆ ಹೊಸ ಮಾಲು ಬಂತು. ಒಳಗಿನ ವೈನ್ ಅದೇ, ರುಚಿ ಅದೇ. ಬಾಟಲಿಯ ಕುತ್ತಿಗೆ ಮಾತ್ರ ಉದ್ದವಾಗಿತ್ತು, ಮೈಮೇಲೆ ಬಳ್ಳಿಯ ಚಿತ್ರ ಕೊರೆದಿದ್ದರು. ಅದರ ಖರ್ಚಿಗೆಂದು ಬೆಲೆ ಏರಿತ್ತು. ಮನಿ ಪ್ಲಾಂಟಿನ ಹೆಂಗಸರು ಬಂದು ನೋಡಿ ಬೇಸರಪಟ್ಟರು.

"ಬಾಯಿ ಸಣ್ಣದ್ ಮಾಡ್ಯಾರಲ್ರಿ. ಬೇರು ಹ್ಯಾಂಗ ಇಳೀಬೇಕು?"

೪. ಭಾಲ್ಕಿಯ ಅಂಗಳ

ಜನವರಿ ಬಂತು. ಅರವತ್ತರಲ್ಲಿ ಹೋಗಿದ್ದು ನಲವತ್ತು ಪೆಟ್ಟಿಗೆ, ಅದರಲ್ಲಿ ಅರ್ಧ ಹೊಸ ವರ್ಷದ ವಾರದ್ದು. ಜನಕ್ಕೆ ಕುಡಿಯುವ ರೀತಿ ಗೊತ್ತಿಲ್ಲ, ಕಲಿಸಿದರೆ ಕಲಿಯುತ್ತಾರೆ ಎಂದು ನನ್ನ ಹಟ. ನಾನೇ ಯಾರೂ ಕಲಿಸದೆ ಕಲಿತವಳಲ್ಲವೇ. ಭಾಲ್ಕಿಯ ಒಬ್ಬ ವಕೀಲರು ನಮ್ಮ ಮನೆಯಲ್ಲೇ ಕಲಿಸಿರಿ ಅಂದರು. ಹದಿನೈದು ಮಂದಿಯನ್ನು ಕರೆದರು. ಕನ್ನಡ ಮರಾಠಿ ಎರಡೂ ಕಲಸಿ ಮಾತಾಡುವ, ನೌಕರಿ ವ್ಯವಹಾರದ ಮಂದಿ. ಎಲ್ಲರೂ ಖರೀದಿ ಮಾಡುವಂಥವರು.

ಕಾರ್ಖಾನೆಯಲ್ಲಿ ರುಚಿ ನೋಡುವವರು ದಿನಕ್ಕೆ ನಲವತ್ತು ಬಗೆ ನೋಡಬೇಕು. ನುಂಗುತ್ತ ಕೂತರೆ ಮಧ್ಯಾಹ್ನಕ್ಕೆ ಬಿದ್ದುಹೋಗುತ್ತಾರೆ. ಅದಕ್ಕೆ ಬಾಯಲ್ಲಿ ಆಡಿಸಿ ಉಗುಳುವುದು ಪದ್ಧತಿ. ನಾನೂ ರೇಷ್ಮೆ ಸೀರೆ ಉಟ್ಟು, ಒಂದು ಸ್ಟೀಲಿನ ಡಬರಿ ಮುಂದಿಟ್ಟುಕೊಂಡು, ಗ್ಲಾಸು ತಿರುಗಿಸಿ, ಮೂಸಿ, ಒಂದು ಗುಟುಕು ಬಾಯಿಗೆ ಹಾಕಿ, ನಾಲಿಗೆಯ ನಾಲ್ಕೂ ಕಡೆ ಆಡಿಸಿ, ಡಬರಿಯಲ್ಲಿ ಉಗುಳಿದೆ.

ಹಿಂದಿನ ಸಾಲಿನಲ್ಲಿ ವಕೀಲರ ಕಾಕಾ ಪಕ್ಕದವರಿಗೆ ಹೇಳುತ್ತಿದ್ದದ್ದು ನನಗೆ ಸ್ಪಷ್ಟವಾಗಿ ಕೇಳಿಸಿತು. "ಮಾರೋ ಹೆಣ್ಮಗಳೇ ಉಗಳ್ಲತ್ತಾಳ. ನಾವ್ ಯಾಕ ನುಂಗಬೇಕು?"

ಮರ್ಯಾದಸ್ಥ ಮಂದಿ. ಎದ್ದು ಹೋಗಲಿಲ್ಲ. ಪಂಕ್ತಿಯಲ್ಲಿ ಆಪೋಶನ ತೆಗೆದುಕೊಂಡಂತೆ ಒಬ್ಬರಾದ ಮೇಲೊಬ್ಬರು ಒಂದು ಗುಟುಕು ಹಾಕಿಕೊಂಡು, ಬಾಯಿ ಮುಕ್ಕಳಿಸಿ, ಡಬರಿಯಲ್ಲಿ ಉಗುಳಿ, ಟವೆಲಿನಿಂದ ಮೋತಿ ಒರೆಸಿಕೊಂಡರು. ಹದಿನೈದು ಮಂದಿ, ಆರು ಬಾಟಲಿ. ಒಂದು ಹನಿಯೂ ಯಾರ ಗಂಟಲಿಗೂ ಇಳಿಯಲಿಲ್ಲ. ಕಾಕಾ ಮಾತ್ರ ಎಲ್ಲ ಮುಗಿದ ಮೇಲೆ ತೃಪ್ತಿಯಿಂದ ಕೈ ಉಜ್ಜಿಕೊಂಡರು.

"ಬಾಯಿ ಛಲೋ ಸ್ವಚ್ಛ ಆಯ್ತವ್ವ. ಈಗ ಕುಡಿಯೋದು ತರಸು."

೫. ಠಾಣಾ ಕುಶನೂರಿನ ಹೆಂಗಸರು

ಮಾರ್ಚ್ ಎರಡನೇ ವಾರ. ಇನ್ನೂ ಹನ್ನೆರಡು ಪೆಟ್ಟಿಗೆ ಉಳಿದಿದ್ದವು. ಅಣ್ಣ ಅಂಗಡಿಗೆ ಬಂದು, ಫ್ರಿಜ್ಜನ್ನು ಹೊರಗೆ ತೆಗೆಯಲು ಬಾಗಿಲು ಸಾಕಾಗುತ್ತದೋ ಇಲ್ಲವೋ ಎಂದು ಗೇಣು ಹಾಕಿ ನೋಡಿ ಹೋದ. ನಾನು ಪುಸ್ತಕ ಓದುತ್ತಿದ್ದೆ. ಒಂದೇ ಪುಟ, ಮೂರು ದಿನದಿಂದ.

ಆಗ ಒಬ್ಬ ಮುದುಕಿ ಇಬ್ಬರು ಸೊಸೆಯಂದಿರ ಜೊತೆ ಒಳಗೆ ಬಂದಳು. ಔರಾದ ಕಡೆ ಠಾಣಾ ಕುಶನೂರಿನವರು, ಕುರಿ ಸಾಕುವ ಮನೆತನ.

"ನಿನ್ನ ದುಕಾನದಾಗ ಜಲ್ದಿ ನಶಾ ಏರಲಾರದ್ ದಾರು ಸಿಗ್ತದಂತಲ್ಲ, ಖರೇ ಏನವ್ವ?"

ಅಂಥ ಮಾತಿಗೆ ಬೇರೆ ದಿನವಾದರೆ ಜಗಳ ತೆಗೆಯುತ್ತಿದ್ದೆ. ಯಾಕೆ ಎಂದು ಕೇಳಿದೆ. ಅವರ ಮನೆತನಕ್ಕೆ ಊರ ಹೊರಗಿನ ಗುಡಿಯ ಅವ್ವನ ಕಂದೂರಿ ಬಂದಿತ್ತು. ಕುರಿ ಕಡಿದು ಭಾವಬಂದಿಗೆ, ದಾಯಾದಿಗಳಿಗೆಲ್ಲ, ಊಟ ಹಾಕುವುದು. ಅವ್ವನಿಗೆ ದಾರು ಎಡೆ ಇಟ್ಟು, ಉಳಿದದ್ದನ್ನು ಗಂಡಸರು ಪ್ರಸಾದವೆಂದು ಕುಡಿಯುವುದು ಪದ್ಧತಿ. ಪ್ರತಿ ವರ್ಷ ಅದು ತಲೆಗೇರಿ ಅಣ್ಣತಮ್ಮಂದಿರು ಬಡಿದಾಡಿಕೊಳ್ಳುತ್ತಾರೆ. ಈ ವರ್ಷ ಹೆಂಗಸರೆಲ್ಲ ಕೂಡಿ ನಿಶ್ಚಯ ಮಾಡಿದ್ದರು. ಅವ್ವಗೂ ಸಲ್ಲಬೇಕು, ಗಂಡಸರೂ ನೆಟ್ಟಗೆ ಕೂತಿರಬೇಕು.

"ಏರಲಾರದಂತ ಇಲ್ಲಬೇ. ನಿಧಾನ ಏರ್ತದ," ಅಂದೆ. ಸುಳ್ಳು ಹೇಳಿ ಮಾರುವುದು ನನಗಾಗದು.

"ಎರಡು ಗ್ಲಾಸಿಗೆ ಏರ್ತದೇನು?"

"ನಿಮ್ಮ ಗಂಡಸರಿಗೆ ಎರಡು ಗ್ಲಾಸಿಗೆ ಏನೂ ಆಗಂಗಿಲ್ಲ."

ಮುದುಕಿ ಫ್ರಿಜ್ಜಿನತ್ತ ಕೈ ಮಾಡಿದಳು. "ಎಷ್ಟದ ಅಷ್ಟೂ ಕೊಡು."

ಒಬ್ಬರಿಗೇ ಅಷ್ಟು ಕೊಡಲು ಬರುವುದಿಲ್ಲ, ಕಾಯದೆ ಇದೆ ಅಂದೆ. ಮರುದಿನ ಟಂಟಂ ಗಾಡಿ ಮಾಡಿಕೊಂಡು ಮೂರು ಸಲಕ್ಕೆ ಊರ ಹೆಂಗಸರೆಲ್ಲ ಬಂದರು. ಒಬ್ಬೊಬ್ಬಳೂ ತನ್ನ ಹೆಸರಿನಲ್ಲಿ ಬಿಲ್ಲು ಹರಿಸಿಕೊಂಡು, ಬಾಟಲಿಗಳನ್ನು ಸೆರಗಿನಲ್ಲಿ ಕೂಸಿನಂತೆ ಕಟ್ಟಿಕೊಂಡು ಹೋದರು. ವಿಸ್ಕಿ ದುಕಾನದ ಸಾಲಿನಲ್ಲಿದ್ದವರು ತಮ್ಮ ಸರತಿ ಬಿಟ್ಟು ನೋಡಲು ಬಂದರು. ಅರವತ್ತು ಪೆಟ್ಟಿಗೆ ಮುಗಿಯಿತು. ಪೇಪರಿನವರು ಬರೆದ ಹೆಣ್ಣುಮಕ್ಕಳು ಕೊನೆಗೂ ಬಂದರಲ್ಲ ಎಂದು ಅಣ್ಣನಿಗೆ ಫೋನ್ ಮಾಡಿ ಹೇಳಿದೆ. ಅವನು ಫ್ರಿಜ್ಜಿನ ಮಾತು ತೆಗೆಯದೆ ಫೋನ್ ಇಟ್ಟ. ಅದೊಂದು ಸುಖ.

ಏಪ್ರಿಲಿನಲ್ಲಿ ಕಂಪನಿಯ ಕಾಗದ ಬಂತು. ಔರಾದ ಭಾಗದಲ್ಲಿ ಬೇಡಿಕೆ ಒಮ್ಮೆಲೇ ಎದ್ದಿದೆ, ಅಭಿನಂದನೆ, ಮುಂದಿನ ವರ್ಷದ ಗುರಿ ನೂರಾ ಇಪ್ಪತ್ತು ಪೆಟ್ಟಿಗೆ. ನಾನು ಸಹಿ ಮಾಡಿ ಕಳಿಸಿದೆ. ಠಾಣಾ ಕುಶನೂರಿನಂಥ ಊರು ಇನ್ನೈದು ಹಿಡಿದರೆ ಆಯಿತಲ್ಲ.

ಕಾಗದ ಕಳಿಸಿದ ಮೂರನೇ ದಿನ ಮುದುಕಿ ಮತ್ತೆ ಬಂದಳು. ನಾನು ಎದ್ದು ಕುರ್ಚಿ ಒರೆಸಿ ಕೂರಿಸಿ, ಚಹಾ ತರಿಸಿದೆ.

"ಕಂದೂರಿ ಹ್ಯಾಂಗಾಯ್ತು ಆಯಿ?"

"ಏನ್ ಹೇಳಲವ್ವ. ಯಾರೂ ಬೀಳಲಿಲ್ಲ. ಎಲ್ಲಾರೂ ನೆಟ್ಟಗ ಕುಂತ್ರು. ಎಷ್ಟೋ ವರ್ಷದಾಗ ಮೊದಲನೇ ಸಲ ಗಂಡಸರೆಲ್ಲ ಕಂದೂರಿ ದಿನ ಹೋಶಿನಾಗಿದ್ರು. ಕುಂತು ಒಬ್ಬರ ಮುಖ ಒಬ್ಬರು ನೋಡಿದ್ರು. ಆಮ್ಯಾಲ ಹೊಲದ ಬದುವಿನ ಮಾತು ಬಂತು."

"ಬಡದಾಡಿದ್ರೇನು?"

"ಬಡದಾಡಿದ್ರ ಛಲೋ ಇತ್ತಲ್ಲ. ಮೊದಲೆಲ್ಲಾ ಕುಡದು ಬಡದಾಡಿ ಮಲಗ್ತಿದ್ರು, ಮುಂಜಾನಿ ಎದ್ದ್ರ ಒಬ್ಬರಿಗೂ ನೆನಪಿರ್ತಿದ್ದಿಲ್ಲ. ಕೂಡೇ ಚಹಾ ಕುಡೀತಿದ್ರು. ಈ ಸಲ ಯಾರೂ ಕೈ ಎತ್ತಲಿಲ್ಲ. ಹೋಶಿನಾಗ ಕುಂತು, ಮುತ್ಯಾನ ಕಾಲದಿಂದ ಹಿಡಿದು ಒಂದೊಂದೇ ತಗದ್ರು. ಯಾವ ಕುರಿ ಯಾರು ಒಯ್ದ್ರು, ಯಾರ ಮದಿವಿಗಿ ಯಾರು ಬರಲಿಲ್ಲ, ಎಲ್ಲಾ. ಮರುದಿನ ಎಲ್ಲಾರಿಗೂ ಎಲ್ಲಾ ನೆನಪದ. ಮೂರು ಮನಿ ನಡುವ ಮಾತ್ ಬಂದ್. ಇಬ್ಬರು ವಕೀಲರ ಕಡಿ ಹೋಗ್ಯಾರ."

ಮುದುಕಿ ಚಹಾ ಬಸಿಗೆ ಹಾಕಿಕೊಂಡು ಕುಡಿದಳು. ನಂತರ ನನ್ನ ಮೊಣಕೈ ತಟ್ಟಿದಳು.

"ನಿನ್ನ ಮಾಲಿಂದು ತಪ್ಪಂತ ನಾ ಅನ್ನಂಗಿಲ್ಲವ್ವ. ನಮ್ಮ ಗಂಡಸರೇ ಎಚ್ಚರ ಇರೋವಂಥವರಲ್ಲ. ಬರೋ ವರ್ಷ ಅವರಿಗಿ ಅವರದೇ ತರ್ತೇವಿ. ಆದ್ರ ಅವ್ವಗ ನಿಂದು ಪಸಂದ್ ಬಂದದ. ಪೂಜಾರಿ ಹೂವು ಹಚ್ಚಿ ಕೇಳಿದ್ರ ಬಲಕ್ಕ ಕೊಟ್ಟಳು. ಅವ್ವಗ ಮಾತ್ರ ನಿನ್ನ ಕಡಿಂದೇ ಒಯ್ತೇವಿ. ಬಿಡಂಗಿಲ್ಲ, ವರ್ಷಾ ವರ್ಷಾ ಒಯ್ತೇವಿ."

ನಾನು ಆಸೆಯಿಂದ ಪೆನ್ನು ತೆಗೆದುಕೊಂಡೆ. "ಎಷ್ಟು ಬರೀಲಿ ಆಯಿ?"

ಮುದುಕಿ ಫ್ರಿಜ್ಜನ್ನು ಮೇಲಿಂದ ಕೆಳಗೆ ಒಮ್ಮೆ ನೋಡಿದಳು.

"ಒಂದು. ಸಣ್ಣ ಬಾಟ್ಲಿ ಇದ್ರ ಸಣ್ಣದೇ ಬರಿ."