ನಮ್ಮತ್ತೆಯ ಕೊರಿಯಾ ಮತ್ತು ಮಾರಿಕುಪ್ಪಂ ರೈಲು

ಬಂಗಾರಪೇಟೆ ತಾಲ್ಲೂಕಿನಲ್ಲಿ ಎಮ್ಮೆಗೆ ಕೊರಿಯನ್ ಭಾಷೆಯಲ್ಲಿ ಬೈಯುವವರು ಯಾರಾದರೂ ಇದ್ದರೆ ಅದು ನಮ್ಮತ್ತೆ ಒಬ್ಬಳೇ. ಇನ್ನೊಬ್ಬರನ್ನು ನೀವು ತೋರಿಸಿಕೊಟ್ಟರೆ ನಾನು ಬರೆಯುವುದನ್ನು ಇಲ್ಲಿಗೇ ಬಿಟ್ಟುಬಿಡುತ್ತೇನೆ! ಹಾಲು ಕರೆಯುವಾಗ ಎಮ್ಮೆ ಒದೆಯಲು ಕಾಲೆತ್ತಿತೋ, ಅತ್ತೆ "ಹಜಿಮಾ!" ಎಂದು ಗದರುತ್ತಾಳೆ. ಹಾಗೆಂದರೆ ಬೇಡ, ಸುಮ್ಮನಿರು ಅಂತ ಅರ್ಥವಂತೆ. ಎಮ್ಮೆ ಕಾಲು ಇಳಿಸುತ್ತದೆ. ಅದೇ ಎಮ್ಮೆಗೆ ನಮ್ಮ ಮಾವ ಕನ್ನಡ, ತೆಲುಗು ಎರಡರಲ್ಲೂ ಬೈದು ಮಂಡಿಗೆ ಒದೆಸಿಕೊಂಡು ಕೂತಿದ್ದಾರೆ.

ಅತ್ತೆ ಎಂದರೆ ನಮ್ಮಪ್ಪನ ಅಕ್ಕ. ಬೂದಿಕೋಟೆಯ ಪಕ್ಕದ ಹಳ್ಳಿ. ವಯಸ್ಸು ಅರವತ್ತು ದಾಟಿದೆ, ಮೂರು ಎಮ್ಮೆ, ಒಂದು ಸೀಮೆ ಹಸು, ಒಂದು ಮೊಬೈಲು. ಆ ಮೊಬೈಲಿಗೆ ಮೊಮ್ಮಗಳು ಕೊರಿಯಾದ ಧಾರಾವಾಹಿಗಳನ್ನು ಹಾಕಿಕೊಟ್ಟು ಹಾಸ್ಟೆಲಿಗೆ ಹೋದಳು. ಅಲ್ಲಿಂದ ಶುರು. ಕೊಟ್ಟಿಗೆಯ ಕಂಬಕ್ಕೆ ಮೊಬೈಲನ್ನು ಹುರಿಯಿಂದ ಕಟ್ಟಿ, ಹಾಲು ಕರೆಯುತ್ತಾ ನೋಡುತ್ತಾಳೆ. ಕೆಳಗೆ ಬರುವ ಇಂಗ್ಲಿಷು ಓದಲು ಬಾರದು, ಕೊರಿಯನ್ನಂತೂ ಯಾರಿಗೆ ಬರುತ್ತದೆ?

"ಅರ್ಥ ಎಂಗೆ ಆಗ್ತದೆ ಅತ್ತೆ ನಿಂಗೆ?" ಅಂತ ಒಮ್ಮೆ ಕೇಳಿದೆ.

"ಅತ್ತೆ ಸೊಸೆ ಜಗಳಕ್ಕೆ ಭಾಷೆ ಯಾಕ್ಲಾ ಬೇಕು?" ಅಂದಳು.

ಬಾಯಿ ಮುಚ್ಚಿಕೊಂಡೆ. ಆದರೆ ಅತ್ತೆ ಮುಚ್ಚಲಿಲ್ಲ. ಕೊರಿಯಾದವರು ಅಪ್ಪನನ್ನು ಅಪ್ಪಾ ಅಂತಲೇ ಕರೆಯುತ್ತಾರಂತೆ, 'ನಾ' ಎಂದರೆ ನಾನೇ ಅಂತೆ. ಆದ್ದರಿಂದ ಅವರೆಲ್ಲ ಯಾವುದೋ ಕಾಲದಲ್ಲಿ ಮುಳಬಾಗಿಲು ಕಡೆಯಿಂದ ಎದ್ದು ಹೋದವರು. "ಬಣ್ಣ ಅಲ್ಲಿ ಚಳಿಗೆ ಬೆಳ್ಳಗಾಗೈತೆ, ಅಷ್ಟೇ!" ಹಾಲಿನ ಡೈರಿ ಸೆಕ್ರೆಟರಿಗೂ ಅವರಂತೆ ಸೊಂಟ ಬಗ್ಗಿಸಿ ನಮಸ್ಕಾರ ಮಾಡತೊಡಗಿದಳು. ಆತ ಹೆದರಿ, ಹಾಲಿಗೆ ನೀರು ಬೆರೆಸಿರಬಹುದೆಂದು ಎರಡೆರಡು ಸಲ ಪರೀಕ್ಷೆ ಮಾಡಿದ.

ಆಮೇಲೆ ಕಿಮ್ಚಿ. ಅಂದರೆ ಎಲೆಕೋಸಿಗೆ ಖಾರ ಹಚ್ಚಿ ಹುಳಿ ಬರಿಸುವ ಅವರ ಉಪ್ಪಿನಕಾಯಿ. ಅವರು ಅಕ್ಕಿ ಗಂಜಿ ಹಾಕುತ್ತಾರೆ, ಅತ್ತೆ ರಾಗಿ ಗಂಜಿ ಹಾಕಿದಳು. ಮುಚ್ಚಳ ಬಿಗಿದು ಅಟ್ಟದ ಮೇಲಿಟ್ಟಳು. ನಾಲ್ಕನೇ ದಿನ ಮಧ್ಯಾಹ್ನ ಮಾವ ಮುದ್ದೆ ಮುರಿಯುತ್ತಿದ್ದಾಗ ತಲೆಯ ಮೇಲೆ ಢಂ! ಗೋಡೆಯೆಲ್ಲ ಕೆಂಪು. ಮಾವ ಹರೆಯದಲ್ಲಿ ಚಿನ್ನದ ಗಣಿಯೊಳಗೆ ಬಂಡೆ ಸಿಡಿಸುವ ಕೆಲಸ ಮಾಡಿದವರು. ತುತ್ತು ಕೈಯಲ್ಲೇ ಹಿಡಿದು, "ಗಣಿ ತಿರ್ಗಾ ಶುರು ಆಯ್ತಾ?" ಅಂದರು.

ಇಂಥ ಅತ್ತೆಯನ್ನು ಕರೆದುಕೊಂಡು ನಾನು ಹೋದ ಭಾನುವಾರದ ಹಿಂದಿನ ಭಾನುವಾರ ಚಿನ್ನದ ಗಣಿ ಕಡೆಯ ನಂದಿದುರ್ಗಕ್ಕೆ ಹೊರಟೆ. ಅಲ್ಲಿ ಹಳೇ ಗಣಿಯ ಲೈನ್ ಮನೆಯೊಂದರಲ್ಲಿ ಅತ್ತೆಯ ಗೆಳತಿಯ ಮೊಮ್ಮಗುವಿಗೆ ನಾಮಕರಣ; ಮಗುವಿನ ಅಪ್ಪ ನನ್ನ ಆಫೀಸಿನವನೇ. ಬೂದಿಕೋಟೆಯಿಂದ ಬಸ್ಸಿನಲ್ಲಿ ಬಂಗಾರಪೇಟೆ, ಅಲ್ಲಿಂದ ಮಾರಿಕುಪ್ಪಂ ರೈಲು. ಬಸ್ಸಿನಲ್ಲೇ ನಾನು ಕಟ್ಟುನಿಟ್ಟಾಗಿ ಹೇಳಿದೆ: "ಅತ್ತೆ, ಅಲ್ಲಿ ನಮ್ಮ ಆಫೀಸಿನೋರೂ ಬರ್ತಾರೆ. ಇವತ್ತೊಂದು ದಿನ ಕೊರಿಯಾ ಬೇಡ."

"ಆಗ್ಲಿ ಬಿಡ್ಲಾ. ನಿನ್ನ ಮರ್ಯಾದೆ ನಾನ್ಯಾಕೆ ತೆಗೀಲಿ?" ಅಂದಳು. ಮುಖ ಮಾತ್ರ ಸಣ್ಣಗಾಯಿತು.

ರೈಲು ಬೆಂಗಳೂರಿನಿಂದ ಬಂದು ನಿಂತಿತ್ತು. ಹತ್ತಿ ಕೂತೆವು. ಕೂತು ಎದುರಿಗೆ ನೋಡುತ್ತೇನೆ, ಕಿಟಕಿ ಪಕ್ಕ ಒಬ್ಬ ಕೊರಿಯಾದ ಅಜ್ಜಿ! ಗುಂಗುರು ಬೆಳ್ಳಿ ಕೂದಲು, ಹೂವಿನ ಅಂಗಿ, ಕೊರಳಿಗೆ ಸಣ್ಣ ಚೀಲ. ಜೊತೆಗೆ ಟೋಪಿ ಹಾಕಿದ ಮಗ. ದೇವರೇ, ಲಕ್ಷ ರೈಲುಗಳಿರುವ ಈ ದೇಶದಲ್ಲಿ ಇದೇ ಡಬ್ಬಿಯೇ ಸಿಕ್ಕಬೇಕಾ?

ಅತ್ತೆ ನನ್ನತ್ತ ನೋಡಿದಳು. ನಾನು ಕಣ್ಣಲ್ಲೇ ಬೇಡ ಅಂದೆ. ಕೊಟ್ಟ ಮಾತಿಗೆ ಕಟ್ಟುಬಿದ್ದು, ನಾಮಕರಣಕ್ಕೆಂದು ಒಯ್ಯುತ್ತಿದ್ದ ಬೆಲ್ಲ, ಕೊಬ್ಬರಿಯ ಚೀಲವನ್ನು ತೊಡೆಯ ಮೇಲೆ ಒತ್ತಿ ಹಿಡಿದು, ತುಟಿ ಕಚ್ಚಿ ಕೂತಳು. ಒಲೆಯ ಮೇಲಿನ ಕುಕ್ಕರಿನ ಪಕ್ಕ ಕೂತಂತಾಯಿತು ನನಗೆ.

ಅಜ್ಜಿ ಮಗನಿಗೆ ಏನೋ ಹೇಳಿದರು. ಅವನು ಗಡಿಯಾರ ನೋಡಿಕೊಂಡು ಪ್ಲಾಟ್‌ಫಾರ್ಮಿಗೆ ಇಳಿದು ಅಂಗಡಿಯತ್ತ ಹೋದ. ಎರಡು ನಿಮಿಷ, ಮೂರು ನಿಮಿಷ. ರೈಲು ಕೂಗು ಹಾಕಿ ಹೊರಟೇಬಿಟ್ಟಿತು.

ಕಿಟಕಿಯಾಚೆ ಅವನು ಓಡಿ ಬರುವುದು ಕಂಡಿತು. ಟೋಪಿ ಹಾರಿತು. ಬಾಗಿಲ ಸರಳಿಗೆ ಕೈ ಚಾಚಿದ, ಎಟುಕಲಿಲ್ಲ. ಪ್ಲಾಟ್‌ಫಾರ್ಮಿನ ಕೊನೆ ಬಂತು, ನಿಂತುಬಿಟ್ಟ. ಅಜ್ಜಿ ಎದ್ದರು. ಆ ವಯಸ್ಸಿಗೆ ಅಷ್ಟು ಬೇಗ ಏಳಬಹುದೆಂದು ನಾನು ಎಣಿಸಿರಲಿಲ್ಲ. ಜನರನ್ನು ತಳ್ಳಿಕೊಂಡು ತೆರೆದ ಬಾಗಿಲಿಗೆ ಹೋಗಿ, ಒಂದು ಕಾಲನ್ನು ಕೆಳಗಿನ ಮೆಟ್ಟಿಲಿಗೆ ಇಟ್ಟೇಬಿಟ್ಟರು. ಕೆಳಗೆ ಜಲ್ಲಿ ಕಲ್ಲು ಗೆರೆಗೆರೆಯಾಗಿ ಓಡುತ್ತಿತ್ತು. ಜನ "ಅಯ್ಯೋ" ಎಂದರು, "ಮೇಡಂ" ಎಂದರು, "ಪಾಟ್ಟಿ, ಪಾಟ್ಟಿ" ಎಂದು ತಮಿಳಿನಲ್ಲಿ ಅಜ್ಜಿಯನ್ನು ಕೂಗಿದರು. ಅಜ್ಜಿಗೆ ಯಾವುದು ತಿಳಿಯಬೇಕು?

"ಹಜಿಮಾ!"

ಇಡೀ ಡಬ್ಬಿ ನಡುಗುವಂಥ ಕೂಗು. ಅಜ್ಜಿಯ ಕಾಲು ಅಲ್ಲೇ ನಿಂತಿತು. ತಿರುಗಿ ನೋಡಿದರು. ಆ ಒಂದು ಗಳಿಗೆ ಸಾಕಾಯಿತು. ದಿನಕ್ಕೆರಡು ಹೊತ್ತು ಎಮ್ಮೆ ಕರೆಯುವ ಕೈ, ಅಜ್ಜಿಯ ಸೊಂಟವನ್ನು ಬಳಸಿ ಒಳಕ್ಕೆಳೆಯಿತು. ಇಬ್ಬರೂ ಬಾಗಿಲ ಬಳಿಯ ನೆಲದ ಮೇಲೆ ಕುಸಿದು ಕೂತರು. ರೈಲಿನ ಚೈನು ಎಳೆಯಬೇಕೆಂದು ನನಗೆ ಹೊಳೆದದ್ದು ಊರು ದಾಟಿದ ಮೇಲೆ. ನನ್ನ ಬುದ್ಧಿ ಯಾವತ್ತೂ ಒಂದು ಸ್ಟೇಷನ್ ತಡವಾಗಿಯೇ ಬರುತ್ತದೆ.

ಅತ್ತೆ ಅಜ್ಜಿಯನ್ನು ಸೀಟಿಗೆ ಕೂರಿಸಿ, ಬೆನ್ನು ಸವರಿ "ಕೆಂಚಾನಾ, ಕೆಂಚಾನಾ" ಅಂದಳು. ಏನೂ ಆಗಲ್ಲ ಅಂತ. ಅಜ್ಜಿ ಅವಳ ಕೈಯನ್ನು ಗಟ್ಟಿಯಾಗಿ ಹಿಡಿದು, ಅಳುತ್ತಾ ಒಂದೇ ಮಾತು ಹೇಳತೊಡಗಿದರು: "ಮುಲ್... ಮುಲ್..."

"ಮುಳ್ಳಾ?" ಅತ್ತೆ ಗಾಬರಿಯಾದಳು. "ಲೇ, ಕಾಲಿಗೆ ಏನೋ ಚುಚ್ಚೈತೆ ನೋಡ್ಲಾ!"

ನಾನು ಬಗ್ಗಿ ಅಜ್ಜಿಯ ಬೂಟು ಬಿಚ್ಚಿದೆ. ಕಾಲುಚೀಲ ತೆಗೆದೆ. ಹೂವಿನ ಬುಟ್ಟಿ ಇಟ್ಟುಕೊಂಡಿದ್ದ ಹೆಂಗಸೊಬ್ಬಳು ಮೊಬೈಲ್ ಲೈಟು ಹಿಡಿದಳು. ಎಡಗಾಲು, ಬಲಗಾಲು, ಹತ್ತು ಬೆರಳು. ಮುಳ್ಳಿಲ್ಲ! ಅಜ್ಜಿ ತಲೆ ಅಲ್ಲಾಡಿಸುತ್ತಾ "ಮುಲ್" ಎನ್ನುತ್ತಲೇ ಇದ್ದರು. ಧ್ವನಿ ಸಣ್ಣಗಾಗುತ್ತಿತ್ತು. ನೋಡನೋಡುತ್ತಿದ್ದಂತೆ ಹಣೆಯ ಮೇಲೆ ಬೆವರು ಮೂಡಿತು, ಕೈ ನಡುಗತೊಡಗಿತು, ಕಣ್ಣು ಮುಚ್ಚಿಕೊಳ್ಳತೊಡಗಿತು.

ಅತ್ತೆ ಅವರ ಕುತ್ತಿಗೆ ಮುಟ್ಟಿ ನೋಡಿದಳು. "ತಣ್ಣಗೈತೆ ಕಣ್ಲಾ. ಇದು ಶುಗರ್ ಇಳಿದಿರಾದು. ನಂಗೂ ಇಂಗೇ ಆಗ್ತದೆ." ಹತ್ತು ವರ್ಷದಿಂದ ಸಕ್ಕರೆ ಕಾಯಿಲೆಯವಳು, ಅವಳಿಗೆ ತಿಳಿಯದೆ ಇನ್ಯಾರಿಗೆ ತಿಳಿಯಬೇಕು? ಬೆಲ್ಲದ ಚೀಲದ ಗಂಟು ಬಿಚ್ಚಿಕೊಳ್ಳುತ್ತಿಲ್ಲ. ಆತುರಕ್ಕೆ ಅವಳ ಬಾಯಿಂದ ಕನ್ನಡ ಬರಲಿಲ್ಲ. "ಪಲ್ಲಿ! ಪಲ್ಲಿ!" ಎಂದು ನನ್ನತ್ತ ಕಿರುಚಿದಳು.

ಕೊರಿಯಾದಲ್ಲಿ ಅದಕ್ಕೆ ಬೇಗ ಬೇಗ ಅಂತ ಅರ್ಥ. ತಮಿಳಿನಲ್ಲಿ ಹಲ್ಲಿ! "ಎಂಗೆ? ಎಂಗೆ?" ಎಂದು ಹೂವಿನಾಕೆ ಚೀರಿದಳು, ಎಲ್ಲಿ ಎಲ್ಲಿ ಅಂತ. ಡಬ್ಬಿಯ ಅರ್ಧ ಜನ ಕಾಲನ್ನು ಸೀಟಿನ ಮೇಲಕ್ಕೆತ್ತಿಕೊಂಡರು. ಒಬ್ಬ ಹಿರಿಯರು ಚಪ್ಪಲಿ ಕೈಗೆ ತೆಗೆದುಕೊಂಡು ಸೀಟಿನ ಕೆಳಗೆ ಹುಡುಕತೊಡಗಿದರು. ನಗುವ ಹೊತ್ತಾ ಅದು? ನನಗೆ ಅಳು ಬರುತ್ತಿತ್ತು. ಗಂಟನ್ನು ಹಲ್ಲಿನಿಂದ ಕಚ್ಚಿ ಹರಿದೆ. ಅತ್ತೆ ಬೆಲ್ಲ ಪುಡಿ ಮಾಡಿ, ಚೂರು ಚೂರಾಗಿ ಅಜ್ಜಿಯ ಕೆನ್ನೆಯೊಳಗೆ ಇಟ್ಟು, "ಚೀಪಮ್ಮ, ನಮ್ಮಮ್ಮ ಅಲ್ವಾ, ಚೀಪು" ಎಂದು ಅಚ್ಚ ಬೂದಿಕೋಟೆ ಕನ್ನಡದಲ್ಲಿ ಬೇಡತೊಡಗಿದಳು. ಅಜ್ಜಿಯ ದವಡೆ ಅಲ್ಲಾಡಲಿಲ್ಲ. ಒಂದು ನಿಮಿಷ. ಅದರಷ್ಟು ಉದ್ದದ ನಿಮಿಷವನ್ನು ನಾನು ಕಂಡಿಲ್ಲ.

ದವಡೆ ಮೆಲ್ಲಗೆ ಆಡಿತು.

ಆಗಲೇ ಅಜ್ಜಿಯ ಕೊರಳ ಚೀಲದಲ್ಲಿ ಏನೋ ಗುಂಯ್‌ಗುಟ್ಟಿತು. ಮೊಬೈಲು! ಮಗನೇ. ನನ್ನ ಇಂಗ್ಲಿಷು ಆಫೀಸಿನ ಅರ್ಜಿಗಳಿಗಷ್ಟೇ ಸಾಲುವಂಥದ್ದು. ಎತ್ತಿದವನೇ "ರೆಸ್ಪೆಕ್ಟೆಡ್ ಸರ್" ಅಂದೆ! ಪುಣ್ಯಕ್ಕೆ ಅವನು ಗಮನಿಸಲಿಲ್ಲ. ಅಳುತ್ತಿದ್ದ. ತಾನು ಹೆದ್ದಾರಿ ಪಕ್ಕದ ಕಾರ್ಖಾನೆಯೊಂದರ ಇಂಜಿನಿಯರು, ತಾಯಿ ತಿಂಗಳ ಮಟ್ಟಿಗೆ ಬಂದಿದ್ದಾರೆ, ಚಿನ್ನದ ಗಣಿ ನೋಡಬೇಕೆಂದಿದ್ದರು, ಆಟೋ ಹತ್ತಿದ್ದೇನೆ, ಮಾರಿಕುಪ್ಪಂಗೇ ಬರುತ್ತೇನೆ. ತಾಯಿಗೆ ಸಕ್ಕರೆ ಕಾಯಿಲೆ, ಏನಾದರೂ ಸಿಹಿ ಕೊಡಿ ಅಂದ. ಕೊಟ್ಟೆವು ಅಂದೆ. ಮತ್ತೆ ಅವನೆಂದ: "ಬಾಯಾರಿಕೆ ಅಂದ್ರು. ನೀರು ತರೋಕೆ ಅಂತಲೇ ಇಳಿದಿದ್ದೆ. ದಯವಿಟ್ಟು ಮೊದಲು ನೀರು ಕೊಡಿ."

ನಾನು ಅತ್ತೆಗೆ ಹೇಳಿದೆ: "ಅತ್ತೆ, ಮುಲ್ ಅಂದ್ರೆ ನೀರಂತೆ."

ಅತ್ತೆಯ ಕೈ ಅಲ್ಲೇ ನಿಂತಿತು. ಮರುಕ್ಷಣ ಬಗಲಚೀಲದಿಂದ ಬಾಟಲು ತೆಗೆದಳು. ಬೆಳಗ್ಗೆ ತುಂಬಿಸಿಕೊಂಡಿದ್ದು, ಒಂದು ಗುಟುಕೂ ಕಡಿಮೆಯಾಗಿರಲಿಲ್ಲ. ಅಜ್ಜಿಗೆ ಮೆಲ್ಲಮೆಲ್ಲಗೆ ಕುಡಿಸಿದಳು. ಅರ್ಧ ಬಾಟಲು ಖಾಲಿಯಾಯಿತು. ಊರಿಗಾಂ ಸ್ಟೇಷನ್ ದಾಟುವ ಹೊತ್ತಿಗೆ ಅಜ್ಜಿ ಕಣ್ಣು ಬಿಟ್ಟು ಕೂತಿದ್ದರು. ಹೂವಿನಾಕೆ ಒಂದು ಮೊಳ ಮಲ್ಲಿಗೆಯನ್ನು ಆ ಗುಂಗುರು ಕೂದಲಿಗೆ ಸಿಕ್ಕಿಸಿದಳು.

ಮಾರಿಕುಪ್ಪಂನಲ್ಲಿ ಅರ್ಧ ಗಂಟೆ ಕಾದೆವು. ಆಟೋ ಬಂತು, ಮಗ ಓಡಿ ಬಂದ, ತಾಯಿಯ ಮುಂದೆ ಮಂಡಿಯೂರಿ ಕೂತ. ಅಜ್ಜಿ ಅವನ ಬೆನ್ನಿಗೆ ಎರಡು ಗುದ್ದಿ, ಆಮೇಲೆ ತಬ್ಬಿಕೊಂಡರು. ಅದಕ್ಕೂ ಭಾಷೆ ಬೇಕಾಗಲಿಲ್ಲ. ಆಸ್ಪತ್ರೆಗೆ ತೋರಿಸಿಕೊಂಡೇ ಹೋಗುತ್ತೇನೆಂದ. ಹೊರಡುವಾಗ ಅಜ್ಜಿ ಏನೋ ಕೇಳಿದರು, ಮಗ ನನಗೆ ಹೇಳಿದ.

"ಅತ್ತೆ, ನೀನು ಕೊರಿಯಾದಲ್ಲಿ ಯಾವೂರೋಳು ಅಂತ ಕೇಳ್ತಾವ್ರೆ."

"ಬೂದಿಕೋಟೆ ಅಂತ ಏಳ್ಲಾ!" ಅಂದು ಅತ್ತೆ ಸೊಂಟ ಬಗ್ಗಿಸಿದಳು. ಅಜ್ಜಿಯೂ ಬಗ್ಗಿಸಿದರು. ನಾನೂ ಬಗ್ಗಿಸಿದೆ. ಆಫೀಸಿನವರು ಯಾರಾದರೂ ನೋಡಿದ್ದರೆ ನೋಡಲಿ!

ನಂದಿದುರ್ಗಕ್ಕೆ ಹೋಗುವ ಆಟೋದಲ್ಲಿ ನಾನು ಮಾತಾಡುತ್ತಲೇ ಇದ್ದೆ. ಹಲ್ಲಿ ಹುಡುಕಿದ ಹಿರಿಯರ ಕಥೆಯನ್ನು ಮಾವನಿಗೆ ಹೇಗೆ ಹೇಳಬೇಕೆಂದು ಅಭಿನಯಿಸಿ ತೋರಿಸಿದೆ. ಅತ್ತೆ ನಗಲಿಲ್ಲ. ಹೊರಗೆ ನೋಡುತ್ತಿದ್ದಳು. ಹಾಗೆ ನೋಡುತ್ತಲೇ ಕೇಳಿದಳು: "ನಿಮ್ಮಜ್ಜಿ ಸೂರತ್‌ನಾಗೆ ತೀರ್ಕೊಂಡ್ಲಲ್ಲ, ಗೊತ್ತಾ ನಿಂಗೆ?"

ಗೊತ್ತಿತ್ತು. ಚಿಕ್ಕಪ್ಪ ಅಲ್ಲಿ ಕೆಲಸದಲ್ಲಿದ್ದಾಗ ನೋಡಲು ಹೋಗಿದ್ದ ನಮ್ಮಜ್ಜಿ ಅಲ್ಲೇ ಆಸ್ಪತ್ರೆ ಸೇರಿ ಹೋಗಿಬಿಟ್ಟರು. ಆಗ ನಾನು ಚಿಕ್ಕವನು.

"ಕೊನೇ ದಿನ ನಿಮ್ಮ ಚಿಕ್ಕಪ್ಪ ಔಷಧಿ ತರಾಕೆ ಓಗಿದ್ದ. ಬಂದ ಮೇಲೆ ಅಲ್ಲಿನ ನರ್ಸಮ್ಮ ಕೇಳಿದ್ಲಂತೆ, ನಿಮ್ಮನೇಲಿ ನೀರೂ ಅಂತ ಯಾರಿದಾರೆ ಅಂತ. ಆ ಕಡೆ ಎಣ್ಮಕ್ಳಿಗೆ ಅಂಗೆ ಎಸರಿಡ್ತಾರಂತೆ. ನಮ್ಮಮ್ಮ ನೀರು, ನೀರು ಅಂತ ಕೂಗ್ತಾ ಇದ್ಲಂತೆ. ಮಗಳನ್ನ ಕರೀತಾವ್ಳೆ ಅನ್ಕೊಂಡು ಆಯಮ್ಮ ಕೈ ಇಡ್ಕೊಂಡು, ಬತ್ತಾಳೆ ಬತ್ತಾಳೆ, ನೀರು ಬತ್ತಾಳೆ ಅಂತ ಸಮಾಧಾನ ಮಾಡಿದ್ಲಂತೆ."

ಆಟೋ ಲೈನ್ ಮನೆಗಳ ಸಾಲಿಗೆ ತಿರುಗಿತು.

"ಇಷ್ಟು ವರ್ಷ ಆಯಮ್ಮಂಗೆ ಶಾಪ ಆಕ್ಕೊಂಡೇ ಬಂದೆ ಕಣ್ಲಾ," ಅಂದಳು ಅತ್ತೆ. "ಪಾಪ, ಕೈ ಆದ್ರೂ ಇಡ್ಕೊಂಡಿದ್ಲು."

ಅತ್ತೆ ಸೆರಗಿನಿಂದ ಮುಖ ಒರೆಸಿಕೊಂಡು, ಉಳಿದಿದ್ದ ಅರ್ಧ ಬಾಟಲನ್ನು ನನ್ನ ಮುಂದೆ ಹಿಡಿದಳು.

"ಕುಡಿ. ಬೆಳಗ್ಗೆಯಿಂದ ನೀನೂ ಏನೂ ಕುಡಿದಿಲ್ಲ."